ಕಾಗದದ ಯುದ್ಧವೂ ನೆಲದ ಮೇಲಿನ ಸಾವೂ

ಉತ್ತರಕುಮಾರನ ಪೌರುಷ ಒಲೆಯ ಮುಂದೆ ಎಂಬ ಗಾದೆಯನ್ನು ನಮ್ಮ ಹಳ್ಳಿಯ ಜನ ಬಡಾಯಿಗಾರರನ್ನು ಕಂಡಾಗಲೆಲ್ಲ ಹೇಳುವುದುಂಟು. ಅಂತಃಪುರದ ಹೆಂಗಳೆಯರ ಎದುರು ಕೌರವ ಸೇನೆಯನ್ನೆಲ್ಲ ಮಾತಿನಲ್ಲೇ ಹೊಡೆದುರುಳಿಸಿದ ರಾಜಕುಮಾರ, ನಿಜವಾದ ಸೇನೆ ಕಣ್ಣಿಗೆ ಬಿದ್ದೊಡನೆ ರಥದಿಂದ ಧುಮುಕಿ ಓಡಿದ. ಅವನ ಪುಣ್ಯಕ್ಕೆ ಸಾರಥಿಯ ಜಾಗದಲ್ಲಿ ಬೃಹನ್ನಳೆ ಇದ್ದಳು. ಎಲ್ಲ ರಾಜ್ಯಗಳಿಗೂ ಅಂಥ ಸಾರಥಿ ದೊರೆಯುವುದಿಲ್ಲ. ಒಲೆಯ ಮುಂದಿನ ಗೆಲವನ್ನೇ ನಂಬಿ ರಣರಂಗಕ್ಕೆ ಜನರ ಮಕ್ಕಳನ್ನು ಕಳಿಸಿದ ಸರ್ಕಾರಗಳ ಕಥೆ ಕಳೆದ ಶತಮಾನದಲ್ಲಿ ಬೇಕಾದಷ್ಟಿದೆ. ಅದರಲ್ಲಿ ನಮ್ಮ ದೇಶದ್ದೂ ಒಂದು.

ಇಂದು ಒಲೆಯ ಜಾಗದಲ್ಲಿ ಕಂಪ್ಯೂಟರ್ ಕುಳಿತಿದೆ. ಯುದ್ಧವನ್ನು ನೆಲದ ಮೇಲೆ ಹೂಡುವ ಮೊದಲು ನಕ್ಷೆಯ ಮೇಲೆ, ಲೆಕ್ಕದ ಮೇಲೆ, ಯಂತ್ರದ ಪರದೆಯ ಮೇಲೆ ಹೂಡಿ ನೋಡುವುದು ಈಗ ಎಲ್ಲ ಸೈನ್ಯಗಳ ಪದ್ಧತಿ. ಇದಕ್ಕೆ ಅಣಕು ಸಮರ ಎನ್ನೋಣ. ನಮ್ಮ ರಕ್ಷಣಾ ಮಂತ್ರಾಲಯ 2021ರಲ್ಲಿ ಮೂರೂ ಪಡೆಗಳು ಸಿಮ್ಯುಲೇಟರುಗಳನ್ನು ಹೆಚ್ಚಾಗಿ ಬಳಸಬೇಕೆಂಬ ಧೋರಣೆಯನ್ನು ಪ್ರಕಟಿಸಿತು. 2022ರಲ್ಲಿ, ಕೃತಕ ಬುದ್ಧಿಮತ್ತೆಯ ನೆರವಿನಿಂದ ಸಮರವಾಡುವ ಕೇಂದ್ರವೊಂದನ್ನು ದೆಹಲಿಯಲ್ಲಿ ಕಟ್ಟಲು ಭೂಸೈನ್ಯವು ಗಾಂಧಿನಗರದ ರಾಷ್ಟ್ರೀಯ ರಕ್ಷಾ ವಿಶ್ವವಿದ್ಯಾಲಯದೊಡನೆ ಒಪ್ಪಂದ ಮಾಡಿಕೊಂಡಿತು. ಇದು ಪರಿಣತರ ವಿಷಯ, ಜನಸಾಮಾನ್ಯರಿಗೆ ಇದರಲ್ಲಿ ಏನು ಕೆಲಸ ಎಂದು ಕೇಳುವವರಿದ್ದಾರೆ. ಆ ಪ್ರಶ್ನೆಗೆ ಉತ್ತರ ಕೊಡುವುದೇ ಈ ಲೇಖನದ ಉದ್ದೇಶ.

ಮೊದಲೇ ಒಂದು ಮಾತನ್ನು ಸ್ಪಷ್ಟಪಡಿಸುತ್ತೇವೆ. ಅಣಕು ಸಮರಕ್ಕೆ ನಾವು ವಿರೋಧಿಗಳಲ್ಲ. ಕಾಗದದ ಮೇಲೆ ಸೋತು ಪಾಠ ಕಲಿಯುವುದು, ನೆಲದ ಮೇಲೆ ಸತ್ತು ಪಾಠ ಕಲಿಯುವುದಕ್ಕಿಂತ ಎಷ್ಟೋ ಮೇಲು. 1824ರಲ್ಲಿ ಪ್ರಶ್ಯದ ತರುಣ ಅಧಿಕಾರಿ ರೈಸ್ವಿಟ್ಸ್, ತನ್ನ ತಂದೆ ಆರಂಭಿಸಿದ್ದ ಆಟವೊಂದನ್ನು ತಿದ್ದಿ ಸೈನ್ಯದ ಮುಂದಿಟ್ಟ. ನಿಜವಾದ ನಕ್ಷೆ, ಎರಡು ಬಣ್ಣದ ತುಂಡುಗಳು, ಬಂದೂಕು ಫಿರಂಗಿಗಳ ಪ್ರಯೋಗದಿಂದ ಪಡೆದ ಲೆಕ್ಕಕ್ಕೆ ಹೊಂದಿಸಿದ ದಾಳಗಳು, ನಡುವೆ ಪಕ್ಷಪಾತವಿಲ್ಲದ ಒಬ್ಬ ಪಂಚ. ಇದು ಆಟವಲ್ಲ, ಯುದ್ಧದ ಶಾಲೆ ಎಂದು ಅಲ್ಲಿನ ಹಿರಿಯ ಸೇನಾನಿ ಮೆಚ್ಚಿಕೊಂಡನಂತೆ. ಆ ಮೆಚ್ಚುಗೆ ಸರಿಯಾದದ್ದೇ.

ತರಬೇತಿಯಲ್ಲಿ ಇದರ ಪ್ರಯೋಜನವನ್ನು ಇನ್ನೂ ನೇರವಾಗಿ ಕಾಣಬಹುದು. ನಮ್ಮ ಬೆಂಗಳೂರಿನಲ್ಲೇ, ಹಿಂದೂಸ್ಥಾನ್ ಏರೋನಾಟಿಕ್ಸ್ ಪಾಲುಗಾರನಾಗಿರುವ ಸಂಸ್ಥೆಯೊಂದು ಹೆಲಿಕಾಪ್ಟರ್ ಚಾಲಕರಿಗೆ ಸಿಮ್ಯುಲೇಟರಿನಲ್ಲಿ ಪಾಠ ಹೇಳುತ್ತಿದೆ. ಹಾರಾಟದ ನಡುವೆ ಇಂಜಿನ್ ಕೆಟ್ಟರೆ ಏನು ಮಾಡಬೇಕೆಂಬುದನ್ನು ಅಲ್ಲಿ ನೂರು ಸಲ ಕಲಿಯಬಹುದು. ಆಕಾಶದಲ್ಲಿ ಒಂದೇ ಸಲ. ಇನ್ನೊಂದು ಪ್ರಯೋಜನವೂ ಉಂಟು, ಅದನ್ನು ದೆಹಲಿಯವರು ಅಷ್ಟಾಗಿ ಹೇಳುವುದಿಲ್ಲ. ಆಗಿನ ಬಿಹಾರದ, ಇಂದಿನ ಜಾರ್ಖಂಡಿನ ನೇತರ್‌ಹಾಟ್ ಪ್ರದೇಶವನ್ನು 1964ರಲ್ಲಿ ಫಿರಂಗಿಗಳ ಅಭ್ಯಾಸಕ್ಕೆಂದು ಗೊತ್ತುಪಡಿಸಲಾಯಿತು. ಗುಂಡು ಹಾರುವಾಗ ಮನೆ ಹೊಲ ಬಿಟ್ಟು ಹೋಗಬೇಕಾಗಿದ್ದ ಆದಿವಾಸಿಗಳು 1994ರ ಮಾರ್ಚಿನಲ್ಲಿ ದಾರಿಗಡ್ಡವಾಗಿ ಕುಳಿತರು. ಸೈನ್ಯದ ವಾಹನಗಳು ಹಿಂದಿರುಗಿದುವು. ಆ ಗೊತ್ತುವಳಿಯನ್ನು ಮುಂದುವರಿಸುವುದಿಲ್ಲವೆಂಬ ತೀರ್ಮಾನ ಬಂದದ್ದು 2022ರಲ್ಲಿ, 28 ವರ್ಷದ ಹೋರಾಟದ ನಂತರ. ಸಿಮ್ಯುಲೇಟರಿನಿಂದ ಒಂದು ಹಳ್ಳಿಯ ಹೊಲ ಉಳಿದರೂ ಅದನ್ನು ನಾವು ಸ್ವಾಗತಿಸುತ್ತೇವೆ.

ಹಾಗಾದರೆ ನಮ್ಮ ಆಕ್ಷೇಪಣೆ ಯಾವುದಕ್ಕೆ? ದಾಳಕ್ಕಲ್ಲ, ದಾಳವನ್ನು ತಿರುಗಿಸುವ ಕೈಗೆ. ಶಕುನಿಯ ಪಗಡೆಯಲ್ಲಿ ಆಟಕ್ಕೆ ಮೊದಲೇ ಗೆಲವು ನಿಶ್ಚಯವಾಗಿತ್ತು. ಆಳುವವರು ತಾವು ಮೊದಲೇ ಮಾಡಿಕೊಂಡ ತೀರ್ಮಾನಕ್ಕೆ ಮುದ್ರೆ ಒತ್ತಲು ಆಡಿಸುವ ಅಣಕು ಸಮರವೂ ಅಂಥದೇ ಪಗಡೆ.

1942ರ ಮೇ ತಿಂಗಳ ಮೊದಲ ವಾರದಲ್ಲಿ ಜಪಾನಿನ ನೌಕಾಪಡೆಯ ಹಿರಿಯರು ಯಮಾಟೊ ಎಂಬ ಭಾರಿ ಯುದ್ಧನೌಕೆಯ ಮೇಲೆ ಸೇರಿ, ಮಿಡ್‌ವೇ ದ್ವೀಪದ ಮೇಲಿನ ದಾಳಿಯನ್ನು ಮೇಜಿನ ಮೇಲೆ ಆಡಿ ನೋಡಿದರು. ಅಮೆರಿಕದ ವಿಮಾನಗಳು ಜಪಾನಿನ ವಿಮಾನವಾಹಕ ನೌಕೆಗಳ ಮೇಲೆ ಬಾಂಬು ಹಾಕಿದರೆ ಏನಾದೀತು? ದಾಳ ಎಸೆದು ಪಂಚರು ಒಂಬತ್ತು ಬಾಂಬು ತಗುಲಿದುವು, ಅಕಾಗಿ ಮತ್ತು ಕಾಗಾ ಎರಡೂ ಮುಳುಗಿದುವು ಎಂದು ತೀರ್ಪಿತ್ತರು. ಆಟದ ಮುಖ್ಯಸ್ಥ ಉಗಾಕಿಗೆ ಅದು ಹಿಡಿಸಲಿಲ್ಲ. ಒಂಬತ್ತನ್ನು ಮೂರು ಮಾಡಿದ. ಅಕಾಗಿಗೆ ಸ್ವಲ್ಪ ಪೆಟ್ಟು, ಕಾಗಾ ಮಾತ್ರ ಮುಳುಗಿತು ಎಂದ. ಮುಂದಿನ ಕಾರ್ಯಾಚರಣೆಯ ಆಟ ಬಂದಾಗ ಮುಳುಗಿದ್ದ ಕಾಗಾ ಕೂಡ ನೀರಿನಿಂದೆದ್ದು ಬಂದಿತ್ತು. ದಾಳ ಎಸೆದ ಅಧಿಕಾರಿಯೇ ಜೊತೆಗಾರನೊಬ್ಬನೊಡನೆ ಕೂಡಿ, ಯುದ್ಧ ಮುಗಿದ ಮೇಲೆ ಪುಸ್ತಕ ಬರೆದು ಇದನ್ನೆಲ್ಲ ಹೇಳಿದ್ದಾನೆ. ಒಂದು ತಿಂಗಳ ನಂತರ, ಜೂನ್ 4ರಂದು, ನಿಜವಾದ ಸಮುದ್ರದಲ್ಲಿ ಅಕಾಗಿ, ಕಾಗಾ, ಸೊರ್ಯು, ಹಿರ್ಯು ನಾಲ್ಕಕ್ಕೂ ಬಾಂಬು ಬಿದ್ದು ನಾಲ್ಕೂ ನಾಶವಾದುವು. ಮೂರು ಸಾವಿರಕ್ಕೂ ಹೆಚ್ಚು ಜಪಾನೀಯರು ಸತ್ತರು. ಅವರನ್ನು ನೀರಿನಿಂದೆಬ್ಬಿಸಲು ಯಾವ ಉಗಾಕಿಗೂ ಸಾಧ್ಯವಾಗಲಿಲ್ಲ.

ಇದು ಸರ್ವಾಧಿಕಾರಿಗಳ ರೋಗ, ಪ್ರಜಾಪ್ರಭುತ್ವಕ್ಕೆ ತಟ್ಟದು ಎಂದು ಸಮಾಧಾನಪಟ್ಟುಕೊಳ್ಳುವವರು 2002ರ ಅಮೆರಿಕವನ್ನು ನೋಡಬೇಕು. ಆ ವರ್ಷದ ಜುಲೈ-ಆಗಸ್ಟಿನಲ್ಲಿ 25 ಕೋಟಿ ಡಾಲರ್ ಖರ್ಚು ಮಾಡಿ, 13,500 ಮಂದಿಯನ್ನು ಸೇರಿಸಿ, ಮಿಲೆನಿಯಂ ಚಾಲೆಂಜ್ ಎಂಬ ಹೆಸರಿನ ಅಣಕು ಸಮರವನ್ನು ಅಲ್ಲಿ ನಡೆಸಿದರು. ಶತ್ರುಪಕ್ಷದ ನಾಯಕತ್ವವನ್ನು ನಿವೃತ್ತ ಸೇನಾನಿ ಪಾಲ್ ವ್ಯಾನ್ ರೈಪರ್‌ಗೆ ಕೊಟ್ಟರು. ಆತ ಕದ್ದು ಕೇಳಬಹುದಾದ ಯಂತ್ರಗಳನ್ನು ಬಿಟ್ಟು ಮೋಟಾರ್ ಸೈಕಲ್ ಮೇಲೆ ಓಲೆಕಾರರನ್ನು ಕಳಿಸಿದ. ದೀಪದ ಸನ್ನೆಯಿಂದ ವಿಮಾನಗಳನ್ನು ನಡೆಸಿದ. ಸಣ್ಣ ದೋಣಿಗಳನ್ನೂ ಕ್ಷಿಪಣಿಗಳನ್ನೂ ಒಮ್ಮೆಗೇ ಬಿಟ್ಟ. ಪರದೆಯ ಮೇಲೆ ಅಮೆರಿಕದ 16 ನೌಕೆಗಳು ಮುಳುಗಿದುವು. ನಿಜವಾಗಿದ್ದರೆ ಇಪ್ಪತ್ತು ಸಾವಿರ ಜನ ಸಾಯುತ್ತಿದ್ದರೆಂದು ಎಣಿಕೆ. ಮುಂದೇನಾಯಿತು? ಮುಳುಗಿದ ಹಡಗುಗಳನ್ನು ತೇಲಿಸಿದರು. ನಿನ್ನ ರೇಡಾರ್‌ಗಳನ್ನು ನಮಗೆ ಕಾಣುವಂತೆ ತೆರೆದಿಡು, ಇಳಿಯುವ ಸೈನ್ಯವನ್ನು ಹೊಡೆಯಬೇಡ ಎಂದು ಶತ್ರುವಿಗೇ ಅಪ್ಪಣೆಯಾಯಿತು. ವ್ಯಾನ್ ರೈಪರ್ ನಡುವೆಯೇ ನಾಯಕತ್ವ ಬಿಟ್ಟು ನಡೆದ. ಕೊನೆಗೆ ಅಮೆರಿಕ ಗೆದ್ದಿತು. ಅದರ ಮರುವರ್ಷ ಅದೇ ಸರ್ಕಾರ ಇರಾಕಿನೊಳಕ್ಕೆ ಸೈನ್ಯ ನುಗ್ಗಿಸಿತು. ಬೀದಿಬದಿಯ ಬಾಂಬು ಹಿಡಿದ ಬಡ ಶತ್ರುವಿನೆದುರು ಆ ಮಹಾಸೈನ್ಯ ವರ್ಷಗಟ್ಟಲೆ ತಿಣುಕಿದ್ದನ್ನು ಲೋಕವೆಲ್ಲ ಕಂಡಿದೆ.

ಈಗ ನಮ್ಮ ಮನೆಯ ವಿಷಯಕ್ಕೆ ಬರುತ್ತೇವೆ. ನಮ್ಮಲ್ಲಿ ನಡೆದದ್ದು ಇದರ ತಿರುವುಮುರುವು. ಇಲ್ಲಿ ಆಟ ಪ್ರಾಮಾಣಿಕವಾಗಿಯೇ ನಡೆಯಿತು, ಪಂಚರು ಸತ್ಯವನ್ನೇ ಹೇಳಿದರು, ಕೇಳುವ ಕಿವಿ ಇರಲಿಲ್ಲ.

1960ರ ಮಾರ್ಚಿನಲ್ಲಿ, ಪೂರ್ವ ವಿಭಾಗದ ದಳಪತಿಯಾಗಿದ್ದ ಲೆಫ್ಟಿನೆಂಟ್ ಜನರಲ್ ಥೋರಾಟ್ ಲಖನೌದಲ್ಲಿ 'ಲಾಲ್ ಕಿಲಾ' ಎಂಬ ಅಣಕು ಸಮರ ನಡೆಸಿದರು. ಆಗಿನ ಭೂಸೈನ್ಯದ ಮುಖ್ಯಸ್ಥರು ನಮ್ಮ ಕೊಡಗಿನ ಜನರಲ್ ತಿಮ್ಮಯ್ಯನವರು. ಚೀಣದ ಸೈನ್ಯ ಈಶಾನ್ಯ ಗಡಿಯನ್ನು, ಅಂದರೆ ಇಂದಿನ ಅರುಣಾಚಲ ಪ್ರದೇಶವನ್ನು ಹೊಕ್ಕರೆ ಏನಾದೀತೆಂಬುದು ಅಲ್ಲಿನ ಪ್ರಶ್ನೆ. ಇರುವ ಬಲದಿಂದ ಅದನ್ನು ತಡೆಯಲಾಗದು, ರಸ್ತೆಗಳಿಲ್ಲ, ಸಾಮಗ್ರಿಯಿಲ್ಲ, ಮುಂಚೂಣಿಯ ಸಣ್ಣ ಠಾಣ್ಯಗಳು ನಿಲ್ಲಲಾರವು ಎಂಬುದು ಸ್ಪಷ್ಟವಾಯಿತು. ಗಡಿಯಂಚಿನಲ್ಲಿ ಎಚ್ಚರಿಕೆಗೆ ಮಾತ್ರ ಠಾಣ್ಯಗಳಿರಲಿ; ಕಾದುವ ಸಾಲು ಒಳಗೆ, ನಮ್ಮ ಸಾಮಗ್ರಿ ಮುಟ್ಟುವ ಕಡೆ, ಶತ್ರುವಿನ ದಾರಿ ಉದ್ದವಾಗುವ ಕಡೆ ಇರಲಿ ಎಂದು ಥೋರಾಟ್ 1959ರಲ್ಲೇ ಬರೆದು ಕೊಟ್ಟಿದ್ದರು. ರಕ್ಷಣಾ ಮಂತ್ರಿ ಕೃಷ್ಣ ಮೆನನ್ ಅದನ್ನು ಹೆದರುಪುಕ್ಕಲರ ಬರಹವೆಂದು ತಳ್ಳಿಹಾಕಿದರೆಂದೂ, ಪ್ರಧಾನಿ ನೆಹರೂ ಅವರಿಗೆ ಅದು ತಲುಪಲೇ ಇಲ್ಲವೆಂದೂ ಥೋರಾಟ್ ತಮ್ಮ ಆತ್ಮಕಥೆಯಲ್ಲಿ ಹೇಳಿಕೊಂಡಿದ್ದಾರೆ. 1961ರಲ್ಲಿ ತಿಮ್ಮಯ್ಯನವರೂ ಥೋರಾಟರೂ ನಿವೃತ್ತರಾದರು. ಠಾಣ್ಯಗಳನ್ನು ಮುಂದೆ ಮುಂದೆ ನೂಕುವ ಧೋರಣೆ ಗೆದ್ದಿತು.

1962ರ ಅಕ್ಟೋಬರ್ 20ರ ಬೆಳಗ್ಗೆ ನಮ್ಕಾ ಛೂ ಹೊಳೆಯ ದಂಡೆಯಲ್ಲಿ ಲಾಲ್ ಕಿಲಾ ನಿಜವಾಯಿತು. ಹಿಮದ ಚಳಿಯಲ್ಲಿ ಹತ್ತಿಯ ಉಡುಪು ತೊಟ್ಟು, ಎಣಿಸಿ ಕೊಟ್ಟ ತೋಟಾಗಳನ್ನು ಹಿಡಿದು ನಿಂತಿದ್ದ ಬಡರೈತರ ಮಕ್ಕಳು ಬಿದ್ದರು. ನವೆಂಬರಿನಲ್ಲಿ ಸೇಲಾ ಹೋಯಿತು, ಬೋಮ್ಡಿಲಾ ಹೋಯಿತು. ಆ ಯುದ್ಧದಲ್ಲಿ 1,383 ಮಂದಿ ಸತ್ತರೆಂದೂ, 1,696 ಮಂದಿ ಕಾಣೆಯಾದರೆಂದೂ, ನಾಲ್ಕು ಸಾವಿರದಷ್ಟು ಮಂದಿ ಸೆರೆಯಾದರೆಂದೂ ಸರ್ಕಾರದ ಲೆಕ್ಕವೇ ಹೇಳುತ್ತದೆ. ಕಾಗದದ ಮೇಲೆ ಎರಡು ವರ್ಷ ಮೊದಲೇ ಬಿದ್ದಿದ್ದ ಠಾಣ್ಯಗಳಿಗೆ ಅವರನ್ನು ಕಳಿಸಿದವರು ಯಾರು? ಈ ಪ್ರಶ್ನೆಗೆ ಉತ್ತರ ಹುಡುಕಿದ ಹೆಂಡರ್ಸನ್ ಬ್ರೂಕ್ಸ್ ಮತ್ತು ಭಗತ್ ಅವರ ವರದಿ 1963ರಲ್ಲೇ ಸರ್ಕಾರದ ಕೈಸೇರಿತು. 2014ರಲ್ಲಿ ವಿದೇಶಿ ಪತ್ರಕರ್ತನೊಬ್ಬ ಅದರ ಒಂದು ಭಾಗವನ್ನು ಲೋಕಕ್ಕೆ ತೋರಿಸಿದ. ನಮ್ಮ ಸರ್ಕಾರ ಮಾತ್ರ ಅದನ್ನು ಇಂದಿಗೂ ಜನರ ಮುಂದಿಟ್ಟಿಲ್ಲ. ಕಾಂಗ್ರೆಸ್ ಬಂದಿತು, ಜನತಾ ಬಂದಿತು, ಭಾಜಪ ಬಂದಿತು. ಕಪಾಟಿನ ಬೀಗ ಮಾತ್ರ ಬದಲಾಗಲಿಲ್ಲ.

ಅಣಕು ಸಮರಕ್ಕೆ ಎರಡು ಬಗೆಯ ದ್ರೋಹವಾಗಬಹುದೆಂಬುದು ಇದರಿಂದ ತಿಳಿಯುತ್ತದೆ. ತೀರ್ಪನ್ನು ತಿದ್ದುವುದು ಒಂದು; ತೀರ್ಪನ್ನು ಮುಚ್ಚಿಡುವುದು ಇನ್ನೊಂದು. ಎರಡರಲ್ಲಿಯೂ ಮೇಜಿನ ಸುತ್ತ ಕುಳಿತವರಿಗೆ ಪೆಟ್ಟು ತಗುಲುವುದಿಲ್ಲ. ಪೆಟ್ಟು ತಗುಲುವವನು ಮೇಜಿನ ಹತ್ತಿರಕ್ಕೂ ಬರದ ಸಿಪಾಯಿ.

ಕಂಪ್ಯೂಟರ್ ಬಂದಿರುವುದರಿಂದ ಈ ಅಪಾಯ ಕಡಮೆಯಾಯಿತೆಂದು ಯಾರೂ ಭಾವಿಸಬಾರದು. ಉಗಾಕಿ ಒಂಬತ್ತನ್ನು ಮೂರು ಮಾಡಿದ್ದನ್ನು ಸುತ್ತ ನಿಂತವರೆಲ್ಲ ಕಂಡರು. ಯಂತ್ರದೊಳಗೆ ಮೊದಲೇ ಹಾಕಿಟ್ಟ ಲೆಕ್ಕದಲ್ಲಿ ಒಂಬತ್ತು ಮೂರಾದರೆ ಯಾರಿಗೂ ಕಾಣುವುದಿಲ್ಲ. ಶತ್ರು ಇಷ್ಟು ದಿನದಲ್ಲಿ ಸೋಲೊಪ್ಪುತ್ತಾನೆ, ನಮ್ಮ ಕ್ಷಿಪಣಿ ಇಷ್ಟು ಸಲ ಗುರಿ ಮುಟ್ಟುತ್ತದೆ ಎಂದು ಒಳಗೆ ತುಂಬಿದವನೂ ಮನುಷ್ಯನೇ. ಆ ಕ್ಷಿಪಣಿಯನ್ನು ಮಾರುವ ಬಂಡವಳಗಾರನೇ ಆ ಲೆಕ್ಕವನ್ನೂ ಕೊಟ್ಟರೆ? ತನ್ನ ಸರಕು ಸೋಲುವ ಆಟವನ್ನು ಯಾವ ವ್ಯಾಪಾರಿ ಕಟ್ಟಿಕೊಟ್ಟಾನು? ತಕ್ಕಡಿ ಹಿಡಿದವನೇ ಬೆಲೆಯನ್ನೂ ಹೇಳಿದರೆ ಸಂತೆಯಲ್ಲಿ ನಮ್ಮ ರೈತನಿಗೆ ಏನಾಗುತ್ತದೆಂಬುದು ಎಲ್ಲರಿಗೂ ಗೊತ್ತಿದೆ.

ಇನ್ನೊಂದು ಮಾತು. 2022ರಲ್ಲಿ ಜಾರಿಗೆ ಬಂದ ಅಗ್ನಿಪಥ ಯೋಜನೆಯಲ್ಲಿ ತರುಣರು ನಾಲ್ಕೇ ವರ್ಷಕ್ಕೆ ಸೈನ್ಯ ಸೇರುತ್ತಿದ್ದಾರೆ. ತರಬೇತಿಯೂ ಅದರೊಳಗೇ ಆಗಬೇಕು. ಸಿಮ್ಯುಲೇಟರ್ ಇದೆಯಲ್ಲ, ಅಭ್ಯಾಸದ ದಿನಗಳನ್ನೂ ಗುಂಡುಗಳನ್ನೂ ಕಡಮೆ ಮಾಡೋಣ ಎಂಬ ಆಸೆ ಖಜಾನೆಯವರಿಗೆ ಬಾರದಿರಲಿ. ಪರದೆಯ ಮೇಲೆ ಚಳಿಯಿಲ್ಲ, ಹಸಿವಿಲ್ಲ, ಪಕ್ಕದಲ್ಲಿ ಬಿದ್ದ ಗೆಳೆಯನ ನರಳಾಟವಿಲ್ಲ. ಯಂತ್ರ ತರಬೇತಿಗೆ ಸೇರುವ ನೆರವಾಗಬೇಕು, ತರಬೇತಿಯನ್ನು ಕಳೆಯುವ ನೆಪವಾಗಬಾರದು.

ಆದುದರಿಂದ ನಮ್ಮ ಬೇಡಿಕೆಗಳು ಮೂರು. ಅಣಕು ಸಮರದಲ್ಲಿ ಶತ್ರುಪಕ್ಷದ ನಾಯಕನಿಗೆ ನಿಜವಾಗಿ ಗೆಲ್ಲುವ ಸ್ವಾತಂತ್ರ್ಯವಿರಬೇಕು; ಪಂಚರ ತೀರ್ಪನ್ನು ಮೇಲಧಿಕಾರಿಯಾಗಲಿ ಮಂತ್ರಿಯಾಗಲಿ ತಿದ್ದಿದರೆ ಅದು ದಾಖಲೆಯಲ್ಲಿ ಹೆಸರು ಸಹಿತ ಉಳಿಯಬೇಕು. ಇಂಥ ಸಮರಗಳ ಫಲಿತಾಂಶವನ್ನು, ಗೋಪ್ಯತೆಯ ಕಟ್ಟಿಗೆ ಒಳಪಟ್ಟೇ ಆಗಲಿ, ಪಾರ್ಲಿಮೆಂಟಿನ ರಕ್ಷಣಾ ಸ್ಥಾಯೀ ಸಮಿತಿಯ ಮುಂದೆ ತಪ್ಪದೆ ಇಡಬೇಕು. ಮಂತ್ರಿಯ ಮೇಜಿನ ಸೆಳೆಖಾನೆ ಅದರ ಕೊನೆಯ ನಿಲ್ದಾಣವಾಗಬಾರದು. ಮೂರನೆಯದಾಗಿ, 1963ರ ಆ ವರದಿಯನ್ನು ಇನ್ನಾದರೂ ಪ್ರಕಟಿಸಬೇಕು.

ಇದರಿಂದ ಶತ್ರುವಿಗೆ ಗುಟ್ಟು ತಿಳಿಯುತ್ತದೆ ಎನ್ನುವವರಿಗೆ ನಮ್ಮ ಉತ್ತರ ಇಷ್ಟೆ. 1962ರಲ್ಲಿ ನಮ್ಮ ದೌರ್ಬಲ್ಯ ಶತ್ರುವಿಗೆ ಚೆನ್ನಾಗಿಯೇ ತಿಳಿದಿತ್ತು. ತಿಳಿಯದೆ ಇದ್ದುದು ನಮ್ಮ ಜನರಿಗೆ ಮಾತ್ರ. ಮಗನನ್ನು ಗಡಿಗೆ ಕಳಿಸಿದ ತಾಯಿಗೆ, ಅವನು ನಿಂತ ಠಾಣ್ಯ ಕಾಗದದ ಮೇಲೆ ಉಳಿದಿತ್ತೇ ಬಿದ್ದಿತ್ತೇ ಎಂದು ಕೇಳುವ ಹಕ್ಕಿದೆ. ಆ ಪ್ರಶ್ನೆಗೆ ಉತ್ತರ ಹೇಳಬೇಕಾದೀತು ಎಂಬ ಭಯ ದೆಹಲಿಯಲ್ಲಿ ಇದ್ದರೆ, ಅಲ್ಲಿ ಎಸೆಯುವ ದಾಳ ತಾನಾಗಿ ನೆಟ್ಟಗೆ ಬೀಳುತ್ತದೆ.