ಕಾರ್ಡ್ ಕಳೆದರೆ ಕೆಲಸದ ಹಕ್ಕು ಕಳೆಯುವುದಿಲ್ಲ

ಅಮೆರಿಕದಲ್ಲಿ ಇಎಡಿ ಮೇಲೆ ದುಡಿಯುತ್ತಿರುವ ಕನ್ನಡಿಗರಲ್ಲಿ, ಅವರ ಮನೆಯವರಲ್ಲಿ, ಅವರಿಗೆ ಕೆಲಸ ಕೊಟ್ಟವರಲ್ಲಿ ಒಂದು ಮನವಿ



ಬ್ಯಾಂಕಿನ ಕಾರ್ಡ್ ಕಳೆದುಕೊಂಡರೆ ಒಂದು ಫೋನು ಮಾಡುತ್ತೇವೆ. ಕೆಲವೇ ದಿನಗಳಲ್ಲಿ ಹೊಸದು ಮನೆಗೆ ಬರುತ್ತದೆ, ಸಾಮಾನ್ಯವಾಗಿ ಕಾಸೂ ಕೇಳುವುದಿಲ್ಲ. ಅದೇ ಪರ್ಸಿನಲ್ಲಿ, ಅದೇ ಅಳತೆಯ ಇನ್ನೊಂದು ಪ್ಲಾಸ್ಟಿಕ್ ಕಾರ್ಡ್ ಇರುತ್ತದೆ: ಇಎಡಿ, ಅಂದರೆ ಕೆಲಸದ ಪರವಾನಗಿ. ಅಮೆರಿಕದ ನಾಗರಿಕರೂ ಅಲ್ಲದ, ಗ್ರೀನ್ ಕಾರ್ಡೂ ಸಿಗದ ಲಕ್ಷಾಂತರ ಜನರ ಅನ್ನ ಅದರ ಮೇಲೆ ನಿಂತಿದೆ. ಅದು ಕಳೆದುಹೋದರೆ, 2024ರ ಏಪ್ರಿಲ್ 1ರಿಂದ ಬಂದ ದರದ ಪ್ರಕಾರ, ಹೊಸದಕ್ಕೆ ಸಾಮಾನ್ಯವಾಗಿ 520 ಡಾಲರ್. ಆನ್‌ಲೈನಿನಲ್ಲಿ ಅರ್ಜಿ ಹಾಕಲು ಅವಕಾಶ ಇರುವವರಿಗೆ 470. ಮೊದಲ ಸಲ ಕಾರ್ಡ್ ಮಾಡಿಸುವ ಅರ್ಜಿಗೂ ಇದೇ ದರ. ಮೊದಲ ಸಲ ಕಾದ ಹಾಗೆಯೇ ಮತ್ತೆ ತಿಂಗಳುಗಟ್ಟಲೆ ಕಾಯಬೇಕು.

ನಾವು ಹೇಳಬೇಕೆಂದಿರುವುದು ಇಷ್ಟು. ಕಾರ್ಡ್ ಹೋಯಿತೆಂದು ಯಾರೂ ಕೆಲಸ ಬಿಡಬೇಡಿ, ಯಾರನ್ನೂ ಬಿಡಿಸಬೇಡಿ. ಹಾಗೆಯೇ, ಬದಲಿ ಕಾರ್ಡ್ ಕೈಸೇರುವ ತನಕ ಸರ್ಕಾರ ಒಂದು ತಾತ್ಕಾಲಿಕ ದಾಖಲೆ ಕೊಡಬೇಕು. ಇದು ನಾವು ಹೊಸದಾಗಿ ಕಟ್ಟಿದ ಬೇಡಿಕೆಯೇನೂ ಅಲ್ಲ; ತಾತ್ಕಾಲಿಕ ಕಾರ್ಡಿನ ಮಾತು 2017ರ ಜನವರಿವರೆಗೆ ಅಮೆರಿಕದ ನಿಯಮದಲ್ಲೇ ಇತ್ತು.

ಇದು ಯಾರ ತಲೆನೋವು ಎಂದು ಕೇಳುವವರಿದ್ದಾರೆ. ನಮ್ಮ ಕನ್ನಡ ಕೂಟದ ಯುಗಾದಿ ಊಟದ ಸಾಲಿನಲ್ಲಿ ಒಮ್ಮೆ ಕಣ್ಣಾಡಿಸಿ. ಗಂಡನ ಎಚ್-1ಬಿ ಕೆಲಸದ ವೀಸಾದ ಹಿಂದೆ, ಕುಟುಂಬದವರಿಗೆ ಕೊಡುವ ಎಚ್-4 ವೀಸಾದಲ್ಲಿ ಬಂದು, ವರ್ಷಗಟ್ಟಲೆ ಮನೆಯಲ್ಲಿ ಕೂತು, 2015ರ ಮೇ 26ರಂದು ನಿಯಮ ಬದಲಾದ ಮೇಲೆ ಮತ್ತೆ ಕೆಲಸಕ್ಕೆ ಸೇರಿದ ಇಂಜಿನಿಯರುಗಳು, ಟೀಚರುಗಳು, ಲೆಕ್ಕಪತ್ರ ನೋಡುವವರು ಅಲ್ಲಿದ್ದಾರೆ. ಈ ಎಚ್-4 ಇಎಡಿ ಪಡೆದವರಲ್ಲಿ ಹೆಚ್ಚಿನವರು ಭಾರತದ ಹೆಣ್ಣುಮಕ್ಕಳು. ಎಂಎಸ್ ಮುಗಿಸಿ ಓಪಿಟಿಯಲ್ಲಿ, ಅಂದರೆ ವಿದ್ಯಾರ್ಥಿಗಳಿಗೆ ಸಿಗುವ ತಾತ್ಕಾಲಿಕ ಕೆಲಸದ ಅನುಮತಿಯಲ್ಲಿ, ಮೊದಲ ಕೆಲಸ ಹಿಡಿದ ಹುಡುಗ ಹುಡುಗಿಯರಿದ್ದಾರೆ. ಗ್ರೀನ್ ಕಾರ್ಡಿನ ಕೊನೆಯ ಅರ್ಜಿ ಹಾಕಿ ಸರದಿಯ ತಾರೀಖು, ಅಂದರೆ ಪ್ರಯಾರಿಟಿ ಡೇಟ್ ನೋಡುತ್ತ ಕೂದಲು ಬೆಳ್ಳಗಾದವರೂ ಇದ್ದಾರೆ. ಇವರೆಲ್ಲರ ಪರ್ಸಿನಲ್ಲೂ ಈ ಕಾರ್ಡ್ ಇದೆ.

ಜೀನ್ಸಿನ ಜೇಬಿನಲ್ಲಿ ಮರೆತ ಇಎಡಿ ವಾಷಿಂಗ್ ಮಶೀನಿಗೆ ಹೋಗಿ, ಅಲ್ಲಿಂದ ಡ್ರೈಯರಿಗೂ ಹೋಗಿ ಬಂದದ್ದನ್ನು ನೋಡಿದ್ದೀರಾ? ನೀರಿಗಿಂತ ಡ್ರೈಯರಿನ ಬಿಸಿಯೇ ಅದಕ್ಕೆ ಹೆಚ್ಚು ಕೇಡು. ಕಾರ್ಡ್ ಬಾಗಿ, ಅಂಚಿನಲ್ಲಿ ಪದರ ಬಿಟ್ಟುಕೊಂಡು, ಮುಖದ ಮೇಲೆ ಬಿಳಿ ಗೆರೆ ಬಿದ್ದಿರುತ್ತದೆ. ಅದರ ಮೇಲೆ ಏನೇನಿದೆ ಎಂದು ಹೆಚ್ಚಿನವರು ಸರಿಯಾಗಿ ಓದುವುದು ಆಗಲೇ. ಹೆಸರು, ವಲಸೆ ಇಲಾಖೆ ಕೊಡುವ ಒಂಬತ್ತು ಅಂಕಿಯ ಯುಎಸ್‌ಸಿಐಎಸ್ ಸಂಖ್ಯೆ, ಯಾವ ವರ್ಗದ ಮೇಲೆ ಪರವಾನಗಿ ಸಿಕ್ಕಿತು ಎಂಬ ಗುರುತು (ಎಚ್-4ನವರಿಗೆ ಸಿ26, ಓಪಿಟಿಯವರಿಗೆ ಸಿ03ಬಿ, ಗ್ರೀನ್ ಕಾರ್ಡಿಗೆ ಕಾದವರಿಗೆ ಸಿ09), ಮೂರು ಅಕ್ಷರ ಹತ್ತು ಅಂಕಿಯ ಕಾರ್ಡ್ ಸಂಖ್ಯೆ, ಎರಡು ತಾರೀಖು. ಇವನ್ನು ಈಗಲೇ ಬರೆದಿಟ್ಟುಕೊಂಡಿಲ್ಲದಿದ್ದರೆ ಕಳೆದ ದಿನ ಎಲ್ಲಿಂದ ತರುತ್ತೀರಿ?

ಎಚ್‌ಆರ್ ಹೇಳಿದ್ದೇ ಕಾನೂನಲ್ಲ

"ಕಾರ್ಡ್ ಇಲ್ಲವೆಂದರೆ ನಾಳೆಯಿಂದ ಬರಬೇಡಿ, ಹೊಸದು ಬಂದ ಮೇಲೆ ನೋಡೋಣ" ಎನ್ನುವುದು ಕೆಲವು ಕಚೇರಿಗಳಲ್ಲಿ ಕೇಳಿಬರುವ ಮಾತು. ಹೇಳುವವರಿಗೆ ಕೆಟ್ಟ ಉದ್ದೇಶವಿರಲಿಕ್ಕಿಲ್ಲ, ಹೆದರಿಕೆ ಇರುತ್ತದೆ. ಆದರೆ ಮಾತು ತಪ್ಪು. ಕೆಲಸ ಮಾಡುವ ಅನುಮತಿ ಕೊಡುವುದು ಸರ್ಕಾರದ ಆದೇಶ. ಕಾರ್ಡ್ ಅದಕ್ಕೆ ಪುರಾವೆ ಅಷ್ಟೇ. ಪುರಾವೆ ಕಳೆದರೆ ಆದೇಶ ರದ್ದಾಗುವುದಿಲ್ಲ.

ಅಮೆರಿಕದಲ್ಲಿ 1986ರ ವಲಸೆ ಕಾನೂನು ಬಂದಂದಿನಿಂದ ಹೊಸಬರನ್ನು ಕೆಲಸಕ್ಕೆ ತೆಗೆದುಕೊಳ್ಳುವಾಗ ಐ-9 ಎಂಬ ನಮೂನೆ ತುಂಬಬೇಕು. ಸೇರಿದ ಮೂರು ಕೆಲಸದ ದಿನಗಳೊಳಗೆ ಕಂಪನಿ ನಿಮ್ಮ ದಾಖಲೆ ನೋಡಿ ಸಹಿ ಹಾಕಬೇಕು. ಅದು ಒಮ್ಮೆ ಮುಗಿದರೆ, ಕಂಪನಿ ಮತ್ತೆ ದಾಖಲೆ ಕೇಳಬೇಕಾದ್ದು ಪರವಾನಗಿಯ ಅವಧಿ ಮುಗಿಯುವಾಗ. ನಡುವೆ ಕಾರ್ಡ್ ಬಸ್ಸಿನಲ್ಲಿ ಬಿದ್ದುಹೋದರೆ, ಕಾರಿನ ಗಾಜು ಒಡೆದು ಪರ್ಸ್ ಕದ್ದರೆ, ನೀವು ಕೆಲಸದಲ್ಲಿ ಮುಂದುವರಿಯುತ್ತೀರಿ. ಅಷ್ಟೇ. ಇಂಥದೇ ದಾಖಲೆ ತಾ ಎಂದು ಪಟ್ಟುಹಿಡಿಯುವುದನ್ನೂ ಕಾರಣವಿಲ್ಲದೆ ಮತ್ತೆ ಮತ್ತೆ ದಾಖಲೆ ಕೇಳುವುದನ್ನೂ ತಾರತಮ್ಯವೆಂದು ನೋಡಲು ನ್ಯಾಯ ಇಲಾಖೆಯ ನಾಗರಿಕ ಹಕ್ಕುಗಳ ವಿಭಾಗದಲ್ಲಿ ಪ್ರತ್ಯೇಕ ಶಾಖೆಯೇ ಇದೆ. ಕೆಲಸಗಾರರಿಗಾಗಿ ಅವರ ಸಹಾಯವಾಣಿ 1-800-255-7688. ದೂರು ಕೊಡುವುದಾದರೆ ಘಟನೆ ನಡೆದ 180 ದಿನಗಳೊಳಗೆ ಕೊಡಬೇಕು.

ಹೊಸ ಕೆಲಸಕ್ಕೆ ಸೇರುವವರ ಕಷ್ಟ ಮಾತ್ರ ನಿಜವಾದ ಕಷ್ಟ. ಅಸಲು ಸಿಟ್ಟು ಬರಬೇಕಾದ್ದೂ ಇಲ್ಲೇ.

ಎರಡು 90ರ ಕಥೆ

ಕಾರ್ಡ್ ಕಳೆದವರು ಹೊಸ ಕಂಪನಿಗೆ ಸೇರುವಾಗ, ಬದಲಿ ಕಾರ್ಡಿಗೆ ಅರ್ಜಿ ಹಾಕಿದ ರಸೀದಿ ತೋರಿಸಬಹುದು. ಆ ರಸೀದಿಗೆ ಸೇರಿದ ದಿನದಿಂದ 90 ದಿನ ಬೆಲೆ. ಅಷ್ಟರೊಳಗೆ ಕಾರ್ಡ್ ತೋರಿಸಬೇಕು. 90 ದಿನ ಮುಗಿದ ಮೇಲೆ ಇನ್ನೊಂದು ರಸೀದಿ ತಂದರೆ ಕಂಪನಿ ಒಪ್ಪುವಂತಿಲ್ಲ.

ಈ 90 ಎಂಬ ಅಂಕಿಗೆ ಒಂದು ಕಾಲದಲ್ಲಿ ಜೋಡಿ ಇತ್ತು. ಇಎಡಿ ಅರ್ಜಿಯನ್ನು ವಲಸೆ ಇಲಾಖೆ 90 ದಿನದೊಳಗೆ ತೀರ್ಮಾನ ಮಾಡಬೇಕು, ತಪ್ಪಿದರೆ 240 ದಿನದವರೆಗಿನ ತಾತ್ಕಾಲಿಕ ಪರವಾನಗಿ ಕೊಡಬೇಕು ಎಂದು ನಿಯಮವೇ ಹೇಳುತ್ತಿತ್ತು. ಆ ನಿಯಮ ಎಷ್ಟರಮಟ್ಟಿಗೆ ನಡೆಯಿತು ಎನ್ನುವುದು ಬೇರೆ ಮಾತು. ಕೈಯಲ್ಲಿ ಹಿಡಿದು ಕೇಳಲು ಒಂದು ಆಧಾರವಾದರೂ ಇತ್ತು. 2017ರ ಜನವರಿ 17ರಿಂದ ಅದನ್ನು ತೆಗೆದುಹಾಕಿದರು. ಇಲಾಖೆಯ ಮೇಲಿದ್ದ 90 ದಿನದ ಗಡುವು ಹೋಯಿತು. ಕೆಲಸಗಾರರ ಮೇಲಿನ 90 ದಿನದ ಗಡುವು ಹಾಗೆಯೇ ಉಳಿಯಿತು.

ಅಂದರೆ, ಕಾರ್ಡ್ ಕೊಡಬೇಕಾದವರು ಎಷ್ಟು ತಿಂಗಳು ಬೇಕಾದರೂ ತೆಗೆದುಕೊಳ್ಳಬಹುದು, ತೋರಿಸಬೇಕಾದವರು ಮಾತ್ರ ಮೂರು ತಿಂಗಳಲ್ಲಿ ತೋರಿಸಬೇಕು. ಬೇರೆ ದಾಖಲೆ ತೋರಿಸಿ ಎಂದರೆ ಏನು ತೋರಿಸುವುದು? ಡ್ರೈವಿಂಗ್ ಲೈಸೆನ್ಸ್ ಜೊತೆಗೆ ಸೋಶಿಯಲ್ ಸೆಕ್ಯುರಿಟಿ ಕಾರ್ಡ್ ಕೊಟ್ಟರೆ ನಾಗರಿಕರಿಗೆ ಸಾಕು. ನಮ್ಮವರ ಸೋಶಿಯಲ್ ಸೆಕ್ಯುರಿಟಿ ಕಾರ್ಡಿನ ಮೇಲೆ ಇಲಾಖೆಯ ಪರವಾನಗಿ ಇದ್ದರೆ ಮಾತ್ರ ಕೆಲಸಕ್ಕೆ ಸಲ್ಲುತ್ತದೆ ಎಂದು ಅಚ್ಚು ಹಾಕಿರುತ್ತಾರೆ, ಹಾಗಾಗಿ ಐ-9ಕ್ಕೆ ಅದು ನಡೆಯುವುದಿಲ್ಲ. ಸುತ್ತಿ ಸುತ್ತಿ ಮತ್ತೆ ಕಳೆದುಹೋದ ಕಾರ್ಡಿನ ಹತ್ತಿರವೇ ಬಂದು ನಿಲ್ಲುತ್ತೇವೆ.

ಇದೇ ಇಲಾಖೆ ಗ್ರೀನ್ ಕಾರ್ಡ್ ಕಳೆದವರನ್ನು ಹೀಗೆ ಬಿಡುವುದಿಲ್ಲ. ಅವರ ಪಾಸ್‌ಪೋರ್ಟಿನಲ್ಲಿ ತಾತ್ಕಾಲಿಕ ಪುರಾವೆಯಾಗಿ ಒಂದು ಮುದ್ರೆ ಒತ್ತಿಕೊಡುವ ಪದ್ಧತಿ ಬಹಳ ಹಿಂದಿನಿಂದ ಇದೆ. 2023ರಿಂದ ಕೆಲವರಿಗೆ ಕಚೇರಿಗೆ ಹೋಗದೆಯೇ ಅಂಚೆಯಲ್ಲಿ ಆ ಪುರಾವೆ ಬರುವ ವ್ಯವಸ್ಥೆಯೂ ಆಯಿತು. ಬದಲಿ ಗ್ರೀನ್ ಕಾರ್ಡಿನ ಶುಲ್ಕ ಆನ್‌ಲೈನಿನಲ್ಲಿ 415 ಡಾಲರ್, ಇಎಡಿಗಿಂತ ಕಡಿಮೆ. ಹತ್ತು ವರ್ಷ ಬಾಳುವ ಕಾರ್ಡಿಗೆ ಕಡಿಮೆ, ಒಂದೆರಡು ವರ್ಷದ ಕಾರ್ಡಿಗೆ ಹೆಚ್ಚು!

ದೇಶದೊಳಗೆ ಬಂದದ್ದಕ್ಕೆ ಕೊಡುವ ಐ-94 ಚೀಟಿಯನ್ನು ನೆನಪಿಸಿಕೊಳ್ಳಿ. ಮೊದಲು ಅದನ್ನು ಪಾಸ್‌ಪೋರ್ಟಿಗೆ ಪಿನ್ನು ಹೊಡೆದು ಕೊಡುತ್ತಿದ್ದರು, ಕಳೆದರೆ ಅದಕ್ಕೂ ಅರ್ಜಿ, ಅದಕ್ಕೂ ಶುಲ್ಕ. 2013ರಲ್ಲಿ ವಿಮಾನ, ಹಡಗಿನಲ್ಲಿ ಬಂದವರಿಗೆ ಅದು ಕಂಪ್ಯೂಟರಿಗೆ ಹೋಯಿತು. ಈಗ ಅಡುಗೆಮನೆಯಲ್ಲಿ ಕೂತು ಫೋನಿನಲ್ಲಿ ಪುಕ್ಕಟೆ ಇಳಿಸಿಕೊಳ್ಳಬಹುದು. ಬ್ರಿಟನ್ ಇನ್ನೂ ಮುಂದೆ ಹೋಗಿ 2024ರ ಕೊನೆಗೆ ಪ್ಲಾಸ್ಟಿಕ್ ಪರವಾನಗಿ ಕಾರ್ಡುಗಳ ಕಾಲವನ್ನೇ ಮುಗಿಸಿತು. ಅಲ್ಲಿ ಕೆಲಸಗಾರರು ಒಂದು ಕೋಡ್ ಕೊಟ್ಟರೆ ಕಂಪನಿಯವರು ಸರ್ಕಾರದ ತಾಣದಲ್ಲಿ ನೋಡಿಕೊಳ್ಳುತ್ತಾರೆ. ಬ್ರಿಟನ್ನಿನ ವ್ಯವಸ್ಥೆಯಲ್ಲೂ ತೊಡಕುಗಳಿವೆ, ಅದೇ ಬೇಕೆಂದು ನಾವು ಹಟ ಹಿಡಿಯುವುದಿಲ್ಲ. ಕೆಲಸದ ಅನುಮತಿಯನ್ನು ಕಂಪನಿಗಳು ಕಂಪ್ಯೂಟರಿನಲ್ಲಿ ಪರೀಕ್ಷಿಸುವ ಅಮೆರಿಕದ ಇ-ವೆರಿಫೈ ಕೂಡ ಏನು ಕಡಿಮೆ? ಇಎಡಿ ತೋರಿಸಿದವರ ಫೋಟೋವನ್ನು ಇಲಾಖೆಯ ದಾಖಲೆಯಿಂದ ತೆಗೆದು ಕಂಪನಿಯ ಪರದೆ ಮೇಲೆ ತೋರಿಸುತ್ತದೆ, ಕಾರ್ಡಿನ ಫೋಟೋದೊಂದಿಗೆ ಹೋಲಿಸಿ ನೋಡಿ ಎನ್ನುತ್ತದೆ. ಫೋಟೋ ಇದೆ, ತಾರೀಖು ಇದೆ, ಅನುಮತಿಯ ದಾಖಲೆ ಇದೆ. ಎಲ್ಲ ಅವರ ಬಳಿಯೇ ಇಟ್ಟುಕೊಂಡು, ನಮ್ಮ ಬಳಿ ಪ್ಲಾಸ್ಟಿಕ್ ತುಂಡಿಲ್ಲ ಎಂಬ ಕಾರಣಕ್ಕೆ ಸಂಬಳ ನಿಲ್ಲುವಂತೆ ಮಾಡುವುದು ಯಾವ ನ್ಯಾಯ?

ಇಲಾಖೆ ನಡೆಯುವುದೇ ಶುಲ್ಕದಿಂದ, ತೆರಿಗೆ ಹಣದಿಂದ ಅಲ್ಲ ಎಂಬ ಉತ್ತರ ಬರುತ್ತದೆ. ನಿಜ. ಯುಎಸ್‌ಸಿಐಎಸ್ ಖರ್ಚಿನ ಶೇ 96ರಷ್ಟು ಅರ್ಜಿದಾರರ ಶುಲ್ಕದಿಂದಲೇ ಬರುತ್ತದೆ. ಹಾಗಾದರೆ ಮಾಡಿದ ಕೆಲಸಕ್ಕೆ ತಕ್ಕ ಶುಲ್ಕ ಕೇಳಲಿ. ಮೊದಲ ಅರ್ಜಿಯಲ್ಲಿ ಅರ್ಹತೆ ತೂಗುತ್ತಾರೆ, ಹಿನ್ನೆಲೆ ನೋಡುತ್ತಾರೆ. ಬದಲಿ ಕಾರ್ಡಿನಲ್ಲಿ ಅರ್ಹತೆ ಆಗಲೇ ತೀರ್ಮಾನವಾಗಿದೆ. ಕೇಳಿದವರು ಅವರೇ ಹೌದೋ ಎಂದು ಖಚಿತ ಮಾಡಿಕೊಂಡು ಮತ್ತೆ ಅಚ್ಚು ಹಾಕಿ ಕಳಿಸುವುದಕ್ಕೆ ಹೊಸ ಅರ್ಜಿಯಷ್ಟೇ ದುಡ್ಡು, ಹೊಸ ಅರ್ಜಿಯದೇ ಸಾಲು ಯಾಕೆ?

ಈಗ ಇದು ಇನ್ನೂ ತುರ್ತಿನ ವಿಷಯ. ಗ್ರೀನ್ ಕಾರ್ಡಿಗೆ ಕಾದವರಿಗೆ 2023ರಲ್ಲಿ ಐದು ವರ್ಷದ ಇಎಡಿ ಕೊಡಲು ಶುರುಮಾಡಿದ್ದರು, 2025ರ ಡಿಸೆಂಬರಿನಲ್ಲಿ ಅದನ್ನು 18 ತಿಂಗಳಿಗೆ ಇಳಿಸಿದರು. ನವೀಕರಣಕ್ಕೆ ಅರ್ಜಿ ಹಾಕಿದರೆ ಹಳೆಯ ಕಾರ್ಡಿನ ಅವಧಿ ತಾನಾಗಿ 540 ದಿನ ಮುಂದುವರಿಯುತ್ತಿದ್ದ ಸೌಲಭ್ಯವೂ 2025ರ ಅಕ್ಟೋಬರ್ 30ರಿಂದ ಹಾಕುವ ಅರ್ಜಿಗಳಿಗೆ ಬಹುತೇಕ ಇಲ್ಲವಾಯಿತು. ಕಾರ್ಡ್ ಪದೇ ಪದೇ ಅಚ್ಚಾಗಬೇಕು, ಪದೇ ಪದೇ ಅಂಚೆಯಲ್ಲಿ ಓಡಾಡಬೇಕು. ಓಡಾಟ ಹೆಚ್ಚಿದಷ್ಟೂ ಕಳೆಯುವುದೂ ಹೆಚ್ಚು.

ಇಷ್ಟು ಮಾಡಿಕೊಳ್ಳಿ

ಕೆಲವು ಕಾರ್ಡುಗಳು ನಮ್ಮ ಕೈ ಸೇರುವ ಮೊದಲೇ ಕಳೆಯುತ್ತವೆ. ಅಪಾರ್ಟ್‌ಮೆಂಟಿನ ಅಂಚೆ ಡಬ್ಬಿಯ ಮೇಲೆ ಹಿಂದೆ ಇದ್ದವರ ಹೆಸರೇ ಉಳಿದಿದ್ದರೆ ಅಂಚೆಯವರು ಕಾರ್ಡನ್ನು ವಾಪಸ್ ಕಳಿಸಿಬಿಡಬಹುದು. ಮನೆ ಬದಲಾಯಿಸಿದರೆ ಹತ್ತು ದಿನದೊಳಗೆ ಯುಎಸ್‌ಸಿಐಎಸ್‌ಗೆ ಎಆರ್-11 ನಮೂನೆಯ ಮೂಲಕ ಹೊಸ ವಿಳಾಸ ತಿಳಿಸಬೇಕು, ಅದು ಕಾನೂನು. ಅಂಚೆ ಕಚೇರಿಗೆ ಮಾತ್ರ ಹೇಳಿದರೆ ಸಾಲದು, ಈ ಕಾರ್ಡುಗಳನ್ನು ಹೊಸ ವಿಳಾಸಕ್ಕೆ ತಿರುಗಿಸಿ ಕಳಿಸುವುದಿಲ್ಲ. ವಾಪಸ್ ಹೋದ ಕಾರ್ಡಿಗೆ ಯಾರೂ ವಿಚಾರಿಸದಿದ್ದರೆ 60 ಕೆಲಸದ ದಿನಗಳ ನಂತರ ನಾಶಮಾಡುವ ನೀತಿ 2018ರಿಂದ ಇದೆ. ಆದ್ದರಿಂದ ಕಾರ್ಡ್ ಹೊರಟಿದೆ ಎಂಬ ಸಂದೇಶ ಬಂದು ಕೆಲವು ದಿನ ಕಳೆದರೂ ಬಾರದಿದ್ದರೆ ವಲಸೆ ಇಲಾಖೆಯ 1-800-375-5283ಕ್ಕೆ ಕರೆಮಾಡಿ. ಅಂಚೆ ಇಲಾಖೆಯ ಇನ್‌ಫಾರ್ಮ್ಡ್ ಡೆಲಿವರಿಗೆ ಹೆಸರು ಕೊಟ್ಟಿರಿ; ಅಂದು ಬರುವ ಲಕೋಟೆಗಳ ಚಿತ್ರ ಬೆಳಿಗ್ಗೆಯೇ ಫೋನಿಗೆ ಬರುತ್ತದೆ, ಖರ್ಚಿಲ್ಲ. ತಲುಪಿದೆ ಎಂದು ಅಂಚೆ ದಾಖಲೆ ಹೇಳಿ, ಡಬ್ಬಿಯಲ್ಲಿ ಇಲ್ಲದಿದ್ದರೆ ಇಲಾಖೆ ಹೊಸ ಅರ್ಜಿ, ಹೊಸ ಶುಲ್ಕ ಕೇಳುತ್ತದೆ. ಇದೂ ನಮ್ಮ ದೂರಿನ ಭಾಗವೇ.

ಹೆಸರು, ಹುಟ್ಟಿದ ತಾರೀಖು ಇಲಾಖೆಯವರ ಕೈತಪ್ಪಿನಿಂದ ತಪ್ಪಾಗಿ ಅಚ್ಚಾಗಿದ್ದರೆ ಒಂದು ಸೆಂಟ್ ಕೊಡಬೇಕಾಗಿಲ್ಲ, ಹೊಸ ಅರ್ಜಿಯೂ ಬೇಕಿಲ್ಲ. ತಪ್ಪಿದ ಕಾರ್ಡು, ಏನು ತಪ್ಪಾಗಿದೆ ಎಂಬ ಪತ್ರ, ಸರಿಯಾದದ್ದಕ್ಕೆ ಪುರಾವೆ ಕಳಿಸಿದರೆ ಸಾಕು. ಇದು ಗೊತ್ತಿಲ್ಲದೆ ಪೂರ್ತಿ ಶುಲ್ಕ ಕಟ್ಟಿಬಿಡಬೇಡಿ. ಕಳೆದುಹೋದದ್ದಕ್ಕೆ, ಹಾಳಾದದ್ದಕ್ಕೆ ಐ-765 ನಮೂನೆಯಲ್ಲಿ ಮೊದಲ ಕಾರ್ಡ್, ಬದಲಿ, ನವೀಕರಣ ಎಂಬ ಮೂರರಲ್ಲಿ ಬದಲಿಯ ಮನೆಗೇ ಗುರುತು ಹಾಕಿ. ಬದಲಿ ಕಾರ್ಡಿನಿಂದ ಅವಧಿ ಬೆಳೆಯುವುದಿಲ್ಲ. ಹಾಗಾಗಿ ಉಳಿದಿರುವುದು ಆರು ತಿಂಗಳಿಗೂ ಕಡಿಮೆ ಎಂದಾದರೆ ಬದಲಿಗೆ ದುಡ್ಡು ಸುರಿಯುವ ಮುನ್ನ ಯೋಚಿಸಿ. ನವೀಕರಣದ ಅರ್ಜಿಯನ್ನು ಸಾಮಾನ್ಯವಾಗಿ 180 ದಿನ ಮುಂಚೆಯೇ ಹಾಕಬಹುದು. ಅಂಚೆಯಲ್ಲಿ ಅರ್ಜಿ ಕಳಿಸುವವರು ಚೆಕ್ ಬರೆಯಬೇಡಿ, 2025ರ ಅಕ್ಟೋಬರ್ ಕೊನೆಯಿಂದ ಚೆಕ್ ತೆಗೆದುಕೊಳ್ಳುತ್ತಿಲ್ಲ. ಕಾರ್ಡ್ ಕದ್ದದ್ದಾದರೆ ಪೊಲೀಸರಿಗೆ ದೂರು ಕೊಟ್ಟು ಪ್ರತಿ ಇಟ್ಟುಕೊಳ್ಳಿ. ನಮೂನೆಗಳು ಸರ್ಕಾರದ ತಾಣದಲ್ಲಿ ಉಚಿತ. ನಮೂನೆಗೇ ದುಡ್ಡು ಕೇಳುವ ತಾಣ ಸರ್ಕಾರದ್ದಲ್ಲ.

ಕಂಪನಿ ನಡೆಸುವ, ತಂಡ ನೋಡಿಕೊಳ್ಳುವ ಕನ್ನಡಿಗರಿಗೆ ಬೇರೆ ಮಾತು. ನಿಮ್ಮಲ್ಲಿ ಕೆಲಸಕ್ಕಿರುವ ಹುಡುಗಿ ಕಾರ್ಡ್ ಕಳೆದಿದೆ ಎಂದು ಬಂದು ನಿಂತರೆ, ರಜೆ ಹಾಕಿಸಿ ಮನೆಗೆ ಕಳಿಸುವ ಮೊದಲು ಆಕೆಯ ಐ-9 ತೆಗೆದು ನೋಡಿ. ಅದರಲ್ಲಿ ಬರೆದ ಕೊನೆಯ ತಾರೀಖು ಇನ್ನೂ ಬಂದಿಲ್ಲವೆಂದರೆ ನೀವು ಮಾಡಬೇಕಾದ್ದು ಏನೂ ಇಲ್ಲ.

ಇನ್ನು ಎಲ್ಲರಲ್ಲೂ ಒಂದು ವಿನಂತಿ. ಮತ ಹಾಕುವ ಹಕ್ಕಿಲ್ಲದವರ ಮಾತನ್ನು ಯಾರು ಕೇಳುತ್ತಾರೆ ಎಂದು ಸುಮ್ಮನಿರಬೇಡಿ. ನಿಮ್ಮ ಕ್ಷೇತ್ರದ ಸಂಸದರ ಕಚೇರಿಯಲ್ಲಿ ವಲಸೆ ತೊಂದರೆಗಳನ್ನು ನೋಡುವ ಸಿಬ್ಬಂದಿ ಇರುತ್ತಾರೆ, ಕ್ಷೇತ್ರದಲ್ಲಿ ವಾಸವಿದ್ದರೆ ಸಾಕು, ಅವರನ್ನು ಕೇಳಬಹುದು. ನಾಗರಿಕರಾಗಿರುವ ನಿಮ್ಮ ಅಣ್ಣ, ಅತ್ತಿಗೆ, ಪಕ್ಕದ ಮನೆಯವರಿಂದಲೂ ಒಂದು ಪತ್ರ ಬರೆಸಿ. ಅರ್ಜಿಯ ನಮೂನೆ, ಶುಲ್ಕ ಬದಲಿಸುವ ಮುನ್ನ ಸರ್ಕಾರ ಸಾರ್ವಜನಿಕರ ಅಭಿಪ್ರಾಯ ಕೇಳಿದಾಗ ಯಾರು ಬೇಕಾದರೂ ಬರೆಯಬಹುದು, ನಾಗರಿಕರೇ ಆಗಬೇಕಿಲ್ಲ. ಪತ್ರ ಉದ್ದ ಬೇಡ. ಬದಲಿ ಕಾರ್ಡ್ ಬರುವವರೆಗೆ ತಾತ್ಕಾಲಿಕ ದಾಖಲೆ ಕೊಡಿ, 90 ದಿನದ ರಸೀದಿಯನ್ನು ಕಾರ್ಡ್ ಬರುವ ತನಕ ಮಾನ್ಯ ಮಾಡಿ, ಅಚ್ಚಿನ ಖರ್ಚಷ್ಟೇ ತೆಗೆದುಕೊಳ್ಳಿ ಎಂದು ಬರೆದರೆ ಸಾಕು.

ಇಂದು ರಾತ್ರಿ ಮಲಗುವ ಮುನ್ನ ನಿಮ್ಮ ಕಾರ್ಡಿನ ಎರಡೂ ಬದಿಯ ಫೋಟೋ ತೆಗೆದು ಮನೆಯವರೊಬ್ಬರಿಗೆ ಕಳಿಸಿಡಿ. ಈ ಕರಪತ್ರ ಓದಿದ ಮೇಲೆ ಇನ್ನೊಬ್ಬರ ಕೈಗೆ ಕೊಡಿ.