ಅದೇ ಮಕ್ಕಳ ಬಳಿಗೆ ಮತ್ತೆ ಮತ್ತೆ ಹೋಗಬೇಕು

2010ರ ಜುಲೈನಲ್ಲಿ ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಮಲ ಹೊರುವ ಕೆಲಸ ಮಾಡುತ್ತಿದ್ದ ಭಂಗಿ ಸಮುದಾಯದವರು ತಮ್ಮನ್ನು ಒಕ್ಕಲೆಬ್ಬಿಸುವುದರ ವಿರುದ್ಧ ಪುರಸಭೆ ಎದುರು ಮೈಮೇಲೆ ಮಲ ಸುರಿದುಕೊಂಡು ಪ್ರತಿಭಟಿಸಿದರು. ಮಲ ಹೊರಿಸುವುದನ್ನು ನಿಷೇಧಿಸುವ ಕಾನೂನು ಬಂದು ಅಷ್ಟೊತ್ತಿಗೆ 17 ವರ್ಷವಾಗಿತ್ತು. ನಾಡು ತಲೆ ತಗ್ಗಿಸಿತು, ಭರವಸೆಗಳು ಬಂದವು, ಕ್ಯಾಮೆರಾಗಳು ಬೇರೆ ಊರಿನ ದಾರಿ ಹಿಡಿದವು. ಅಂದು ಆ ಸಮುದಾಯದ ಓಣಿಯಲ್ಲಿ ಏಳು ವರ್ಷದವರಾಗಿದ್ದ ಮಕ್ಕಳು ಈಗ ಇಪ್ಪತ್ತು ದಾಟಿದ್ದಾರೆ. ಅವರಲ್ಲಿ ಯಾರು ಕಾಲೇಜಿನ ಮೆಟ್ಟಿಲು ಹತ್ತಿದರು, ಯಾರ ಕೈಗೆ ಮತ್ತೆ ಅದೇ ಪೊರಕೆ ಬಂತು ಎಂಬುದು ಅಂದು ಪ್ರತಿಭಟನೆಯ ಚಿತ್ರ ನೋಡಿ ಕಣ್ಣೀರಿಟ್ಟವರಲ್ಲಿ ಎಷ್ಟು ಜನಕ್ಕೆ ಗೊತ್ತಿದೆ? ಹಾವೇರಿ ಜಿಲ್ಲೆಯ ಹಾನಗಲ್ಲ, ಶಿಗ್ಗಾವಿ, ಸವಣೂರು, ಹಿರೇಕೆರೂರುಗಳು ಸುದ್ದಿಯಾಗುವುದು ಉಪಚುನಾವಣೆಗೆ, ಬರಕ್ಕೆ, ರೈತರ ಆತ್ಮಹತ್ಯೆಗೆ. ಒಂದೇ ಸಲ ನೋಡಿದ ಬದುಕಿನ ಬಗ್ಗೆ ನಾವು ಕೊಡುವ ತೀರ್ಪು ಬಹಳ ಸಲ ತಪ್ಪಾಗಿರುತ್ತದೆ. ಈ ತಾಲ್ಲೂಕುಗಳ ಒಂದಷ್ಟು ಮಕ್ಕಳನ್ನು ಒಂದನೇ ತರಗತಿಯಿಂದ ದುಡಿಮೆಯ ವಯಸ್ಸಿನವರೆಗೆ, ಕೆಲವು ವರ್ಷಗಳಿಗೊಮ್ಮೆ ಮರಳಿ ಹೋಗಿ ಮಾತಾಡಿಸುವ ಸಾಕ್ಷ್ಯಚಿತ್ರ ಸರಣಿಯೊಂದು ಕನ್ನಡದಲ್ಲಿ ಆಗಲೇಬೇಕು.

ಇಂಥ ಕೆಲಸ ಏನು ಕಲಿಸುತ್ತದೆ ಎನ್ನುವುದಕ್ಕೆ ಬ್ರಿಟನ್ನಿನ ‘ಅಪ್’ ಸರಣಿಯೇ ಸಾಕ್ಷಿ. 1964ರಲ್ಲಿ ಏಳು ವರ್ಷದ 14 ಮಕ್ಕಳಿಂದ ಆರಂಭವಾಗಿ, ಏಳು ವರ್ಷಗಳಿಗೊಮ್ಮೆ ಅವರನ್ನೇ ಹುಡುಕಿಕೊಂಡು ಹೋಗುತ್ತ 2019ಕ್ಕೆ ಅವರ 63ನೇ ವಯಸ್ಸನ್ನು ಅದು ಮುಟ್ಟಿತು. ಹುಟ್ಟಿದ ವರ್ಗವೇ ಹಣೆಬರಹ ಎಂದು ತೋರಿಸುವುದು ಅದರ ಮೊದಲ ಉದ್ದೇಶವಾಗಿತ್ತು. ಲಂಡನ್ನಿನ ಬಡ ಬಡಾವಣೆಯ ಟೋನಿ ಮುಂದೆ ಅಪರಾಧದ ಹಾದಿ ಹಿಡಿದಾನು ಎಂದುಕೊಂಡ ನಿರ್ದೇಶಕ ಮೈಕೆಲ್ ಆಪ್ಟೆಡ್, ಅವನಿಗೆ 21 ಆದಾಗ ಅಂಥ ಜಾಗಗಳಲ್ಲೇ ಅವನನ್ನು ಓಡಾಡಿಸಿ ಚಿತ್ರೀಕರಿಸಿದರು. ಟೋನಿ ಟ್ಯಾಕ್ಸಿ ಓಡಿಸಿ ಸಂಸಾರ ಕಟ್ಟಿಕೊಂಡ. ಎಳವೆಯಲ್ಲಿ ನಗುನಗುತ್ತಿದ್ದ ನೀಲ್ 28ಕ್ಕೆ ಮನೆಯಿಲ್ಲದೆ ಅಲೆಯುತ್ತಿದ್ದ, 42ಕ್ಕೆ ಸ್ಥಳೀಯ ಸಂಸ್ಥೆಯ ಸದಸ್ಯನಾಗಿದ್ದ. 28ಕ್ಕೇ ಚಿತ್ರ ಮುಗಿದಿದ್ದರೆ ಅವನದು ಮುಳುಗಿದ ಬದುಕು ಎಂದೇ ನಾವು ನಂಬುತ್ತಿದ್ದೆವು. ನನ್ನ ಮಟ್ಟಿಗೆ ಸರಣಿಯ ದೊಡ್ಡ ಗುಣ ಇದು: ಮರಳಿ ಹೋದಾಗಲೆಲ್ಲ ಅದು ಮೊದಲು ತಿದ್ದಿದ್ದು ಚಿತ್ರ ಮಾಡಿದವರ ಪೂರ್ವಗ್ರಹವನ್ನು. ನಮ್ಮ ಹಳ್ಳಿಗಳಿಗೆ ಇನ್ನೂ ಹತ್ತಿರದ್ದು ಪೂರ್ವ ಜರ್ಮನಿಯ ಗೋಲ್ಜೋ ಎಂಬ ಕೃಷಿಗ್ರಾಮದ ಮಕ್ಕಳ ಕಥೆ. ಬರ್ಲಿನ್ ಗೋಡೆ ಎದ್ದ 1961ರ ಆಗಸ್ಟ್‌ನಲ್ಲೇ ವಿನ್‌ಫ್ರೀಡ್ ಯುಂಗೆ ಆ ಊರಿನ ಶಾಲೆಗೆ ಕ್ಯಾಮೆರಾ ಒಯ್ದರು. ನಡುವೆ ಆ ದೇಶವೇ ಇಲ್ಲವಾಯಿತು, ಚಿತ್ರ ಮಾತ್ರ 2007ರವರೆಗೂ ನಡೆಯಿತು.

ನಮ್ಮಲ್ಲಿ ಇಂಥ ತಾಳ್ಮೆ ಇಲ್ಲವೆಂದೇನೂ ಅಲ್ಲ. ಮಾನವಶಾಸ್ತ್ರಜ್ಞೆ ಸ್ಕಾರ್ಲೆಟ್ ಎಪ್‌ಸ್ಟೀನ್ 1954ರಲ್ಲಿ ಮಂಡ್ಯ ಸೀಮೆಯ ಎರಡು ಹಳ್ಳಿಗಳನ್ನು ಅಧ್ಯಯನ ಮಾಡಿ, 1970ರಲ್ಲಿ ಮತ್ತು ಆಮೇಲೂ ಅಲ್ಲಿಗೇ ಮರಳಿದರು. ಮೈಸೂರಿನ ಹೋಲ್ಡ್ಸ್‌ವರ್ತ್ ಆಸ್ಪತ್ರೆಯಲ್ಲಿ 1997-98ರಲ್ಲಿ ಹುಟ್ಟಿದ 600ಕ್ಕೂ ಹೆಚ್ಚು ಮಕ್ಕಳ ಆರೋಗ್ಯವನ್ನು ವೈದ್ಯರು ಅವರು ದೊಡ್ಡವರಾಗುವವರೆಗೂ ಗಮನಿಸಿದ್ದಾರೆ. ಹಾವೇರಿ ಜಿಲ್ಲೆಯಾದದ್ದೂ 1997ರಲ್ಲೇ. ಆ ವರ್ಷ ಈ ತಾಲ್ಲೂಕುಗಳಲ್ಲಿ ಹುಟ್ಟಿದವರು ಬಿಟಿ ಹತ್ತಿ, ಮೊಬೈಲು, ಕೋವಿಡ್ ಎಲ್ಲವನ್ನೂ ದಾಟಿ ಬಂದವರು. ಆ ಪಯಣವನ್ನು ಅವರ ಬಾಯಿಂದಲೇ, ಆಯಾ ಹೊತ್ತಿನಲ್ಲೇ ಕೇಳುವ ಅವಕಾಶ ಕೈತಪ್ಪಿಹೋಗಿದೆ.

ಅಂಕಿಅಂಶಗಳು ಇವೆಯಲ್ಲ, ಹತ್ತು-ಹದಿನೈದು ಮಕ್ಕಳಿಂದ ಏನು ಸಾಬೀತಾದೀತು ಎಂಬುದು ಮೊದಲ ಆಕ್ಷೇಪ. ಸಾಬೀತು ಮಾಡುವುದು ಇದರ ಕೆಲಸವಲ್ಲ. ಎಷ್ಟು ಮಕ್ಕಳು ಶಾಲೆ ಬಿಟ್ಟರು ಎಂದು ಅಂಕಿ ಹೇಳುತ್ತದೆ, ಯಾವುದರ ಹಿಂದೆ ಯಾವುದು ಬಂತು ಎಂದು ಹೇಳುವುದಿಲ್ಲ. ಹಿರೇಕೆರೂರು ತಾಲ್ಲೂಕಿನ ಹಳ್ಳಿಯೊಂದರ ಹುಡುಗಿಯನ್ನು ನೆನೆಯೋಣ. ಹತ್ತನೆಯದು ಮುಗಿದ ಮೇಲೆ ಪಿಯುಗೆ ತಾಲ್ಲೂಕು ಕೇಂದ್ರಕ್ಕೇ ಹೋಗಬೇಕು. 2023ರ ಜೂನ್‌ನಿಂದ ಶಕ್ತಿ ಯೋಜನೆಯಲ್ಲಿ ಬಸ್ಸು ಉಚಿತ. ಆದರೆ ಬೆಳಗಿನ ಬಸ್ಸು ತಪ್ಪಿದರೆ ಮೊದಲ ಪಿರಿಯಡ್ಡು ತಪ್ಪಿತು, ಸಂಜೆಯದು ತಡವಾದರೆ ಮನೆಯಲ್ಲಿ ಪ್ರಶ್ನೆ ಶುರು. ಮೆಕ್ಕೆಜೋಳ ಮುರಿಯುವ ಹೊತ್ತು ಬಂದಾಗ ನಾಲ್ಕು ದಿನ ಹೊಲ, ಅಷ್ಟರಲ್ಲಿ ‘ಒಳ್ಳೇ ಮನೆತನ ಬಂದೈತಿ’ ಎಂಬ ಮಾತು. ದಾಖಲೆಯಲ್ಲಿ ಉಳಿಯುವುದು ‘ದೀರ್ಘ ಗೈರು’ ಎಂಬ ಎರಡು ಪದ. ಸರ್ಕಾರವೂ ಒಂದು ದೀರ್ಘ ಮಾತು ಕೊಟ್ಟಿದೆ: ಭಾಗ್ಯಲಕ್ಷ್ಮಿ ಯೋಜನೆಗೆ ಸೇರಿದ, 2006ರಲ್ಲಿ ಹುಟ್ಟಿದ ಬಡ ಕುಟುಂಬದ ಹೆಣ್ಣುಮಕ್ಕಳಿಗೆ 2024ರಲ್ಲಿ 18 ತುಂಬಿತು. ಮದುವೆ ಆಗಿಲ್ಲ, ಎಂಟನೆಯದು ಮುಗಿದಿದೆ ಎಂಬ ಷರತ್ತು ಪೂರೈಸಿದರೆ ಅವರ ಹೆಸರಿನ ಬಾಂಡಿನ ಹಣ ಸಿಗುತ್ತದೆ. ಬಾಂಡಿನ ಕಡತ 18 ವರ್ಷ ಬಾಳಿತು. ಆ 18 ವರ್ಷ ಹುಡುಗಿ ಹೇಗೆ ಬಾಳಿದಳು ಎಂಬುದು ಆ ಕಡತದಲ್ಲಿಲ್ಲ.

ಎರಡನೆಯ ಆಕ್ಷೇಪ ನಿಜಕ್ಕೂ ಗಂಭೀರ. ಏಳು ವರ್ಷದ ಮಗು ಒಪ್ಪಿಗೆ ಕೊಡುವುದೆಂದರೇನು? ‘ಅಪ್’ ಸರಣಿಯ ಕೆಲವರು ನಡುವೆ ಬಿಟ್ಟು ಹೋದರು, ಹಲವರು ಅದರಿಂದಾದ ನೋವನ್ನು ಕ್ಯಾಮೆರಾ ಎದುರೇ ಹೇಳಿದರು. ಲಂಡನ್ನಿನಲ್ಲಿ ಜನಜಂಗುಳಿಯಲ್ಲಿ ಮರೆಯಾಗಬಹುದು, ಮುನ್ನೂರು ಮನೆಗಳ ಊರಿನಲ್ಲಿ ಸಾಧ್ಯವಿಲ್ಲ. ಹದಿನಾಲ್ಕರಲ್ಲಿ ಹುಡುಗಿಯೊಬ್ಬಳು ಆಡಿದ ಮಾತು ಅವಳ ಮದುವೆ ಮಾತುಕತೆಯ ಜಗಲಿಗೆ ಬರುತ್ತದೆ, ದಲಿತ ಹುಡುಗ ಶಾಲೆಯ ಬಗ್ಗೆ ಹೇಳಿದ ನಿಜ ಅವನ ಅಪ್ಪನ ಕೂಲಿಗೆ ಸಂಚಕಾರ ತರಬಹುದು. ಆದ್ದರಿಂದ ಬ್ರಿಟನ್ನಿನ ಮಾದರಿಯನ್ನು ಇಲ್ಲಿ ಹಾಗೆಯೇ ನೆಡಲಾಗದು. ಚಿತ್ರೀಕರಿಸಿದ್ದನ್ನು ಮಗುವಿಗೆ 18 ತುಂಬುವವರೆಗೆ ಎಲ್ಲಿಯೂ ತೋರಿಸಬಾರದು. ತುಂಬಿದ ಮೇಲೆ ಮೊದಲ ಪ್ರೇಕ್ಷಕರು ಅವರೇ ಆಗಬೇಕು, ಬೇಡವೆಂದದ್ದನ್ನು ಕತ್ತರಿಸಬೇಕು, ಪೂರ್ತಿ ಬೇಡವೆಂದರೆ ಅಳಿಸಬೇಕು. ಕೊಟ್ಟ ಸಮಯಕ್ಕೆ ಹಣ ಸಲ್ಲಬೇಕು. ಹನ್ನೊಂದು-ಹನ್ನೆರಡು ವರ್ಷ ತೋರಿಸದೆ ಕಾಯುವ ಚಿತ್ರಕ್ಕೆ ಯಾವ ಚಾನೆಲ್ಲೂ ದುಡ್ಡು ಹಾಕದು ಎಂಬುದು ಸರಿ. ಹಾಗಾಗಿಯೇ ಇದು ಟಿಆರ್‌ಪಿ ನೋಡುವವರ ಕೆಲಸವಲ್ಲ.

ಶಿಗ್ಗಾವಿ ತಾಲ್ಲೂಕಿನ ಗೊಟಗೋಡಿಯಲ್ಲಿ 2011ರಿಂದ ಜಾನಪದ ವಿಶ್ವವಿದ್ಯಾಲಯವಿದೆ. ಹಾಡು, ಕಥೆ, ಕಸುಬುಗಳನ್ನು ಕೂಡಿಡುವ ಸಂಸ್ಥೆಗೆ ಇಂದಿನ ಮಕ್ಕಳ ಮಾತನ್ನು ಕೂಡಿಡುವುದು ಹೊರಗಿನ ಕೆಲಸವಲ್ಲ. ಸ್ಥಳೀಯ ಯುವಕ ಯುವತಿಯರ ಪುಟ್ಟ ತಂಡ, ಎರಡು-ಮೂರು ವರ್ಷಕ್ಕೊಮ್ಮೆ ಕೆಲವು ವಾರಗಳ ಚಿತ್ರೀಕರಣ, ಭದ್ರವಾದ ಸಂಗ್ರಹ: ಜಿಲ್ಲಾ ಉತ್ಸವಗಳಿಗೆ ಹಣ ಹೊಂದಿಸುವ ಸರ್ಕಾರಕ್ಕೆ ಇದು ಭಾರವಾಗಲಾರದು. ಆಯ್ಕೆಯಲ್ಲಿ ಮಾತ್ರ ರಾಜಿ ಬೇಡ. ‘ಅಪ್’ನ 14 ಮಕ್ಕಳಲ್ಲಿ ಹುಡುಗಿಯರು ನಾಲ್ವರೇ ಇದ್ದರು, ಆಪ್ಟೆಡ್ ಕೊನೆಯವರೆಗೂ ಅದಕ್ಕಾಗಿ ಪರಿತಪಿಸಿದರು. ಇಲ್ಲಿ ಅರ್ಧಕ್ಕೆ ಕಡಿಮೆಯಿಲ್ಲದಂತೆ ಹೆಣ್ಣುಮಕ್ಕಳಿರಲಿ. ಹಾನಗಲ್ಲಿನ ಭತ್ತದ ಗದ್ದೆಯ ಮನೆಯಿಂದ, ಸವಣೂರಿನ ಎಲೆಬಳ್ಳಿ ತೋಟದ ಕೂಲಿ ಮನೆಯಿಂದ, ಲಂಬಾಣಿ ತಾಂಡಾದಿಂದ, ಶಿಗ್ಗಾವಿಯ ಹೆದ್ದಾರಿ ಬದಿಯ ಅಂಗಡಿಯಿಂದ ಮಕ್ಕಳು ಬರಲಿ. ಸವಣೂರಿನ ಆ ಓಣಿಯಿಂದ ಒಬ್ಬರಲ್ಲ, ಇಬ್ಬರಾದರೂ ಇರಲಿ. ಒಬ್ಬರೇ ಆದರೆ ಇಡೀ ಸಮುದಾಯವನ್ನು ಪ್ರತಿನಿಧಿಸುವ ಭಾರ ಆ ಒಂದು ಮಗುವಿನ ಹೆಗಲೇರುತ್ತದೆ.