ಸಂಖ್ಯೆಯ ಮಂತ್ರಕ್ಕೆ ನಾದದ ಹೆಸರು

ನಮ್ಮ ಕಣ್ಣೆದುರೇ ಹೊಸ ಮಂತ್ರವಿದ್ಯೆಯೊಂದು ಬೆಳೆಯುತ್ತಿದೆ. ಅದಕ್ಕೆ ಬೀಜಾಕ್ಷರಗಳಿಲ್ಲ, ಸಂಖ್ಯೆಗಳಿವೆ: 396, 417, 528, 639. ಮೊಬೈಲಿನಲ್ಲಿ ‘528 ಹರ್ಟ್ಸ್’ ಎಂದು ಹುಡುಕಿದರೆ ಇಡೀ ರಾತ್ರಿ ಓಡುವ ಧ್ವನಿಮುದ್ರಿಕೆಗಳು ಸಾಲುಗಟ್ಟುತ್ತವೆ. ಒಂದು ಡಿಎನ್‌ಎ ರಿಪೇರಿ ಮಾಡುತ್ತದಂತೆ, ಇನ್ನೊಂದು ಭಯ ಕಳೆಯುತ್ತದಂತೆ. 432ಕ್ಕೆ ಶ್ರುತಿ ಸೇರಿಸಿದ ಸಂಗೀತ ವಿಶ್ವದ ಲಯಕ್ಕೆ ಹೊಂದುತ್ತದಂತೆ, 440 ಮೈಗೆ ಕೇಡಂತೆ. ಮೈಸೂರಿನಲ್ಲಿ ವೀಣೆ ಕಲಿಸಿಕೊಂಡೇ ಬದುಕಿದವಳು ನಾನು. ಇದನ್ನೆಲ್ಲ ನಾದದ ಹೆಸರಿನಲ್ಲಿ ಮಾರುತ್ತಿರುವುದನ್ನು ನೋಡಿ ಸುಮ್ಮನಿರಲಾರೆ.

ಅನುರಣನ ಸುಳ್ಳಲ್ಲ. ನನ್ನ ಹತ್ತಿರ ಕಲಿಯಲು ಬರುವ ಪ್ರತಿ ಮಗುವಿಗೂ ಅದನ್ನು ಕಣ್ಣಾರೆ ತೋರಿಸುತ್ತೇನೆ. ವೀಣೆಯನ್ನು ಚೆನ್ನಾಗಿ ಶ್ರುತಿ ಮಾಡಿ, ಮೂರು ತಾಳದ ತಂತಿಗಳಲ್ಲಿ ಮೇಲುಷಡ್ಜದ ತಂತಿಯ ಮೇಲೆ ಚಿಕ್ಕದೊಂದು ಕಾಗದದ ಚೂರನ್ನು ಮಡಚಿ ಕೂರಿಸುತ್ತೇನೆ. ಸಾರಣಿ ಎಂಬ ಮುಖ್ಯ ತಂತಿಯಲ್ಲಿ ತಾರಷಡ್ಜ ಮೀಟಿದರೆ, ಯಾರೂ ಮುಟ್ಟದ ಆ ತಂತಿ ನಡುಗಿ ಕಾಗದ ಕುಣಿಯುತ್ತದೆ. ಒಂದು ಮೆಟ್ಟಿಲು ಕೆಳಗಿನ ನಿಷಾದ ಮೀಟಿದರೆ ಕಾಗದ ಅಲುಗುವುದಿಲ್ಲ. ಇದನ್ನು ಮೊದಲ ಸಲ ಕಂಡ ಮಕ್ಕಳು ‘ಮಿಸ್, ಇನ್ನೊಂದ್ಸಲ!’ ಎನ್ನದೆ ಇರುವುದಿಲ್ಲ. ಸಂಗೀತದಲ್ಲಿ ಮಾಯೆ ಎನ್ನುವುದೇನಾದರೂ ಇದ್ದರೆ ಅದು ಇದೇ.

ಆದರೆ ಆ ಮಾಯೆ ಯಾವ ಸಂಖ್ಯೆಯಲ್ಲೂ ಕೂತಿಲ್ಲ, ಎರಡು ಸ್ವರಗಳ ಸಂಬಂಧದಲ್ಲಿದೆ. ಷಡ್ಜಕ್ಕೂ ಪಂಚಮಕ್ಕೂ ಇರುವ ನಂಟು ಎರಡಕ್ಕೆ ಮೂರು. ಷಡ್ಜ ಎಲ್ಲಿದ್ದರೂ ಆ ನಂಟು ಬದಲಾಗದು. ಗಂಡಸರು ಒಂದು ಮನೆ, ಒಂದೂವರೆ ಮನೆ ಶ್ರುತಿಯಲ್ಲಿ ಹಾಡುತ್ತಾರೆ, ಹೆಂಗಸರು ಐದು, ಐದೂವರೆಯಲ್ಲಿ. ಹರ್ಟ್ಸ್ ಲೆಕ್ಕದಲ್ಲಿ ಅವೆಲ್ಲ ಬೇರೆ ಬೇರೆ. ಕಲ್ಯಾಣಿ ರಾಗ ಮಾತ್ರ ಎಲ್ಲರ ಬಾಯಲ್ಲೂ ಕಲ್ಯಾಣಿಯೇ. ಹಾಡುವವರ ಕಂಠಕ್ಕೆ ತಂಬೂರಿ ಹೊಂದಿಕೊಳ್ಳಬೇಕು ಎನ್ನುವುದು ನಮ್ಮ ಪದ್ಧತಿ. ಎಲ್ಲರಿಗೂ ಒಂದೇ ಪವಿತ್ರ ಸಂಖ್ಯೆ ಎನ್ನುವ ಮಾತು ಈ ಪದ್ಧತಿಗೇ ವಿರುದ್ಧ.

440 ಯಾರದೋ ಸಂಚಲ್ಲ. ಊರೂರಿಗೆ ಬೇರೆಯಾಗಿದ್ದ ವಾದ್ಯಗಳ ಶ್ರುತಿಯನ್ನು ಒಂದು ಮಾಡಲು ಫ್ರಾನ್ಸ್ 1859ರಲ್ಲಿ ‘ಎ’ ಸ್ವರಕ್ಕೆ 435 ಹರ್ಟ್ಸ್ ಎಂದು ಗೊತ್ತುಮಾಡಿತು. 1939ರಲ್ಲಿ ಲಂಡನ್ನಿನಲ್ಲಿ ನಡೆದ ಸಮ್ಮೇಳನ 440ಕ್ಕೆ ಒಪ್ಪಿತು. ಅಷ್ಟಕ್ಕೂ ಹರ್ಟ್ಸ್ ಎಂದರೆ ಒಂದು ಸೆಕೆಂಡಿಗೆ ಎಷ್ಟು ಕಂಪನ ಎಂಬ ಲೆಕ್ಕ. ದಿನವನ್ನು 86,400 ಪಾಲು ಮಾಡಿ ಸೆಕೆಂಡ್ ಎಂದವರು ಮನುಷ್ಯರು. ಪಾಲು ಬೇರೆ ಮಾಡಿದ್ದರೆ 528 ಇನ್ನೇನೋ ಆಗಿರುತ್ತಿತ್ತು. ಪ್ರಾಚೀನ ಕ್ರೈಸ್ತ ಸಂನ್ಯಾಸಿಗಳು ಈ ಸಂಖ್ಯೆಗಳಲ್ಲೇ ಹಾಡುತ್ತಿದ್ದರು ಎಂಬ ಕಥೆಯೂ ನಿಲ್ಲುವುದಿಲ್ಲ. ಸ್ವರವೊಂದರ ಕಂಪನವನ್ನು ಎಣಿಸುವ ದಾರಿ ಸಿಕ್ಕಿದ್ದೇ 17ನೇ ಶತಮಾನದಲ್ಲಿ, ಫ್ರಾನ್ಸಿನ ಮೆರ್ಸೆನ್‌ನಿಂದ. ಈ ಪಟ್ಟಿ ಜನರ ನಡುವೆ ಬಂದದ್ದು 1999ರಲ್ಲಿ ಅಮೆರಿಕದ ಲೆನಾರ್ಡ್ ಹೊರೊವಿಟ್ಜ್ ಮತ್ತು ಜೋಸೆಫ್ ಪುಲಿಯೊ ಬರೆದ ಪುಸ್ತಕದಿಂದ.

ಇನ್ನು ಡಿಎನ್‌ಎ. ಗಾಳಿಯಲ್ಲಿ 528 ಹರ್ಟ್ಸಿನ ಒಂದು ಅಲೆಯ ಉದ್ದ ಸುಮಾರು 65 ಸೆಂಟಿಮೀಟರ್. ಡಿಎನ್‌ಎ ಎಳೆಯ ಅಗಲ ಎರಡು ನ್ಯಾನೊಮೀಟರ್, ಅಂದರೆ ಒಂದು ಮಿಲಿಮೀಟರನ್ನು ಐದು ಲಕ್ಷ ಪಾಲು ಮಾಡಿದರೆ ಅದರಲ್ಲಿ ಒಂದು. ಅಷ್ಟು ದೊಡ್ಡ ಅಲೆ ಅಷ್ಟು ಸಣ್ಣ ಎಳೆಯನ್ನು ಆರಿಸಿ ಹಿಡಿದು ಸರಿಪಡಿಸಲಾರದು.

ನಾದದ ಬೆರಗನ್ನು ಪ್ರಾಮಾಣಿಕವಾಗಿ ಬೆನ್ನಟ್ಟಿದವರೂ ನಮ್ಮಲ್ಲಿದ್ದಾರೆ. ಸಿ.ವಿ. ರಾಮನ್ ತಂಬೂರಿಯನ್ನೂ ವೀಣೆಯನ್ನೂ ಪರೀಕ್ಷಿಸಿ 1921ರಲ್ಲಿ ಲೇಖನ ಪ್ರಕಟಿಸಿದರು. ತಂತಿಯನ್ನು ಎಲ್ಲಿ ಮೀಟುತ್ತೇವೋ ಆ ಬಿಂದುವಿನಲ್ಲಿ ನಿಶ್ಚಲವಾಗಿರಬೇಕಾದ ಉಪಸ್ವರಗಳು ಹುಟ್ಟಬಾರದು ಎನ್ನುತ್ತಿತ್ತು ಯುರೋಪಿನ ನಿಯಮ. ನಮ್ಮ ವಾದ್ಯಗಳಲ್ಲಿ ಅವೂ ಗಟ್ಟಿಯಾಗಿ ಕೇಳಿದವು. ತಂತಿಗಳನ್ನು ಹೊರುವ ಕುದುರೆಯ ಬಾಗಿದ ಮೈಯನ್ನು ತಂತಿ ಸವರುತ್ತಾ ಕಂಪಿಸುವುದರಲ್ಲಿ, ತಂಬೂರಿಯಲ್ಲಿ ತಂತಿಯಡಿ ತೂರಿಸುವ ನೂಲೆಳೆಯಲ್ಲಿ ಅದರ ಗುಟ್ಟಿತ್ತು. ಮೃದಂಗದ ನಡುವಿನ ಕಪ್ಪು ಲೇಪ, ಅಂದರೆ ಕರಣೆ, ಚರ್ಮದ ಅಪಸ್ವರವನ್ನು ಪಳಗಿಸುವ ಬಗೆಯನ್ನೂ ಅವರು ಬಿಡಿಸಿ ತೋರಿಸಿದರು. ಆ ಕುದುರೆಯನ್ನು, ಆ ಕರಣೆಯನ್ನು ರೂಪಿಸಿದ ಹೆಸರಿಲ್ಲದ ಕುಶಲಕರ್ಮಿಗಳ ಕಿವಿಗೆ ನಾನು ಕೈ ಮುಗಿಯುತ್ತೇನೆ. ಅವರು ರೋಗ ವಾಸಿ ಮಾಡುತ್ತೇವೆಂದು ಯಾರಿಗೂ ಮಾತು ಕೊಟ್ಟವರಲ್ಲ.

ನನ್ನ ಸಿಟ್ಟಿಗೆ ಕಾರಣ ಅಂಥ ಮಾತು ಕೊಡುವವರೇ. ಕಳೆದ ವರ್ಷ ವಿದ್ಯಾರ್ಥಿನಿಯೊಬ್ಬಳ ತಾಯಿ ಬಂದು, ‘ಮೇಡಂ, ವೀಣೇನ 432ಕ್ಕೆ ಶ್ರುತಿ ಮಾಡ್ಕೊಡ್ತೀರಾ? ಥೈರಾಯ್ಡ್ ಮಾತ್ರೆ ಬಿಟ್ಟಿದ್ದೀನಿ, ಈಗ ಬರೀ ಶಬ್ದ ಚಿಕಿತ್ಸೆ’ ಎಂದರು. ದುಡ್ಡು ಕಟ್ಟಿ ಶಿಬಿರಕ್ಕೂ ಹೋಗಿಬಂದಿದ್ದರು. ಆಗಲೇ ಮುಖ ಊದಿತ್ತು, ಮೆಟ್ಟಿಲು ಹತ್ತಲು ಏದುಸಿರು. ವೈದ್ಯರ ಹತ್ತಿರ ಮತ್ತೆ ಹೋಗುವಂತೆ ಒಪ್ಪಿಸಲು ಮನೆಯವರಿಗೂ ನನಗೂ ಸಾಕುಸಾಕಾಯಿತು.

ಸಂಗೀತದಿಂದ ಸಾಂತ್ವನವಿಲ್ಲ ಎನ್ನುತ್ತಿಲ್ಲ. ಶಸ್ತ್ರಚಿಕಿತ್ಸೆಗೆ ಮುಂಚಿನ ಆತಂಕವನ್ನು ಅದು ತಗ್ಗಿಸುತ್ತದೆ ಎನ್ನಲು ಅಧ್ಯಯನಗಳ ಆಧಾರವಿದೆ. ನಿದ್ದೆ ಬಾರದವರು ಇಷ್ಟದ ಆಲಾಪನೆ ಕೇಳಲಿ, 432ರಲ್ಲೇ ಬೇಕಾದರೂ ಕೇಳಲಿ. ಮಾತ್ರೆಯ ಜಾಗದಲ್ಲಿ ಅದನ್ನು ಮಾರುವುದು ಮೋಸ.

ಈ ಮೋಸಕ್ಕೆ ಕಾನೂನು ಹೊಸದಾಗಿ ಬೇಕಿಲ್ಲ. 1954ರ ಔಷಧ ಮತ್ತು ಮಾಂತ್ರಿಕ ಪರಿಹಾರಗಳ (ಆಕ್ಷೇಪಾರ್ಹ ಜಾಹೀರಾತು) ಕಾಯ್ದೆ, ತಾಯಿತ, ಮಂತ್ರ, ಕವಚಗಳಿಂದ ರೋಗ ಹೋಗುತ್ತದೆ ಎನ್ನುವ ಜಾಹೀರಾತುಗಳನ್ನು ತಡೆಯಲೆಂದೇ ಬಂದದ್ದು. ಪವಾಡ ಶಕ್ತಿಯಿದೆ ಎಂದು ಹೇಳಿಕೊಳ್ಳುವ ಬೇರೆ ಯಾವುದೇ ಬಗೆಯ ಮಾಟವೂ ಅದರ ವ್ಯಾಪ್ತಿಗೆ ಬರುತ್ತದೆ. ಕ್ಯಾನ್ಸರ್, ಮಧುಮೇಹ, ರಕ್ತದೊತ್ತಡವನ್ನು ಹರ್ಟ್ಸಿನಿಂದ ವಾಸಿಮಾಡುತ್ತೇವೆ ಎನ್ನುವ ಶಿಬಿರಗಳ ಜಾಹೀರಾತುಗಳ ಮೇಲೆ ಆರೋಗ್ಯ ಇಲಾಖೆ ಈ ಕಾಯ್ದೆಯನ್ನು ಪ್ರಯೋಗಿಸಬೇಕು. ಸಂಗೀತ ಕಲಿಸುವ ನಾವು ಕೂಡ ಇಂಥ ಶಿಬಿರಗಳಿಗೆ ತಂಬೂರಿ ಹಿಡಿದು ಕೂರುವುದನ್ನು ನಿಲ್ಲಿಸಬೇಕು. ನಿಮ್ಮ ಮನೆಯಲ್ಲಿ ಯಾರಾದರೂ ಒಂದು ಧ್ವನಿಮುದ್ರಿಕೆ ನಂಬಿ ಮಾತ್ರೆ ಬಿಟ್ಟಿದ್ದರೆ, ಇವತ್ತೇ ಅವರನ್ನು ವೈದ್ಯರ ಬಳಿ ಕರೆದುಕೊಂಡು ಹೋಗಿ.